ಹೊಸ ಫೋನು, ಇಳಿಯದ ಆ್ಯಪ್: ಎಲ್ಲಿ ನಿಂತಿತು ಅಂತ ಮೊದಲು ನೋಡಿ

ಹೊಸ ಫೋನಿನಲ್ಲಿ ಪ್ಲೇ ಸ್ಟೋರ್ ತೆರೆದು, ಬೇಕಾದ ಆ್ಯಪ್ ಹುಡುಕಿ ‘ಇನ್‌ಸ್ಟಾಲ್’ ಒತ್ತಿದ ಮೇಲೆ ಐಕಾನಿನ ಸುತ್ತ ಬಳೆಯಂಥದ್ದೊಂದು ಸುತ್ತತೊಡಗುತ್ತದೆ. ಪಕ್ಕದಲ್ಲಿ ‘ಪೆಂಡಿಂಗ್’ ಎಂಬ ಪದ. ಹತ್ತು ನಿಮಿಷ ಬಿಟ್ಟು ನೋಡಿದರೂ ಅದೇ ಬಳೆ, ಅದೇ ಪದ. ಕೊಟ್ಟ ಫೋನೇ ಕೆಟ್ಟದ್ದಿರಬೇಕು ಎಂಬ ಅನುಮಾನ ಆಗ ಹುಟ್ಟುವುದು ಸಹಜ. ಆದರೆ ಇಂಥ ತೊಂದರೆಗಳಲ್ಲಿ ಯಂತ್ರದ ದೋಷ ತೀರಾ ಅಪರೂಪ.

ನಮಗೆ ಡೌನ್‌ಲೋಡ್ ಒಂದೇ ಗುಂಡಿಯ ಕೆಲಸ. ಒಳಗೆ ಮಾತ್ರ ಅದು ನಾಲ್ಕು ಬಾಗಿಲು ದಾಟಬೇಕು. ಮೊದಲು ಸ್ಟೋರ್ ನಿಮ್ಮ ಖಾತೆ, ದೇಶ, ಫೋನಿನ ಮಾದರಿ ನೋಡಿ ಈ ಆ್ಯಪ್ ಕೊಡಬಹುದೇ ಎಂದು ತೀರ್ಮಾನಿಸುತ್ತದೆ. ಆಮೇಲೆ ಸರತಿ. ಸರತಿ ಬಂದಾಗ ಫೈಲು ನೆಟ್‌ವರ್ಕ್ ಮೂಲಕ ಇಳಿಯುತ್ತದೆ. ಕೊನೆಗೆ ಆ ಫೈಲಿನ ಸಹಿ ಪರೀಕ್ಷಿಸಿ, ಬಿಚ್ಚಿ, ಫೋನಿನಲ್ಲಿ ಕೂರಿಸುವ ಕೆಲಸ. ಯಾವ ಬಾಗಿಲಲ್ಲಿ ತಡೆ ಬಿದ್ದಿದೆ ಎಂಬ ಸುಳಿವು ಹೆಚ್ಚಾಗಿ ತೆರೆಯ ಮೇಲೇ ಇರುತ್ತದೆ. ಅದನ್ನು ಓದದೆ ಕೈಗೆ ಸಿಕ್ಕ ಸೆಟ್ಟಿಂಗನ್ನೆಲ್ಲ ತಿರುವುವುದು ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಎಳೆದಂತೆ.

‘ಪೆಂಡಿಂಗ್’ ಅಂದರೆ ದೋಷವಲ್ಲ, ಸರತಿ. ಹೊಸ ಫೋನು ಮೊದಲ ದಿನ ಇರುವಷ್ಟು ಬ್ಯುಸಿ ಮತ್ತೆಂದೂ ಇರುವುದಿಲ್ಲ. ಕಾರ್ಖಾನೆಯಲ್ಲಿ ತುಂಬಿಸಿದ ಆ್ಯಪ್‌ಗಳೆಲ್ಲ ತಿಂಗಳುಗಟ್ಟಲೆ ಹಳೆಯವು, ಅವಕ್ಕೆಲ್ಲ ಅಪ್‌ಡೇಟ್ ಬೇಕು. ಹಳೆಯ ಫೋನಿನ ಬ್ಯಾಕಪ್‌ನಿಂದ ಮರಳಿಸಿ ಎಂದು ಹೇಳಿದ್ದರೆ ಆ ಆ್ಯಪ್‌ಗಳೂ ಸಾಲಿನಲ್ಲಿರುತ್ತವೆ. ಜೊತೆಗೆ ಗೂಗಲ್ ಪ್ಲೇ ಸರ್ವಿಸಸ್ (ಆ್ಯಪ್‌ಗಳಿಗೆ ಹಿನ್ನೆಲೆಯಲ್ಲಿ ನೆರವಾಗುವ ಗೂಗಲ್ ತಂತ್ರಾಂಶ) ಮತ್ತು ಪ್ಲೇ ಸ್ಟೋರ್ ಸ್ವತಃ ಹೊಸ ಆವೃತ್ತಿಗೆ ಬದಲಾಗುತ್ತಿರುತ್ತವೆ. ಸ್ಟೋರ್ ಒಮ್ಮೆಗೆ ಕೆಲವನ್ನು ಮಾತ್ರ ಇಳಿಸುತ್ತದೆ; ನೀವು ಈಗ ಒತ್ತಿದ್ದು ಸಾಲಿನ ಬಾಲದಲ್ಲಿದೆ.

ಮುಂದಕ್ಕೆ ತರುವುದು ಸುಲಭ. ಪ್ಲೇ ಸ್ಟೋರ್‌ನಲ್ಲಿ ಮೇಲೆ ಬಲಗಡೆಯ ನಿಮ್ಮ ಚಿತ್ರ ಒತ್ತಿ, ‘ಮ್ಯಾನೇಜ್ ಆ್ಯಪ್ಸ್ ಆ್ಯಂಡ್ ಡಿವೈಸ್’ ತೆರೆಯಿರಿ. ಅಲ್ಲಿ ಇಳಿಯುತ್ತಿರುವ, ಕಾಯುತ್ತಿರುವ ಪಟ್ಟಿ ಕಾಣುತ್ತದೆ. ತುರ್ತಿಲ್ಲದವನ್ನು ‘X’ ಗುರುತು ಒತ್ತಿ ನಿಲ್ಲಿಸಿ, ಬೇಕಾದ್ದನ್ನು ಮತ್ತೊಮ್ಮೆ ಇನ್‌ಸ್ಟಾಲ್‌ಗೆ ಹಾಕಿ. ನಿಲ್ಲಿಸಿದ ಅಪ್‌ಡೇಟ್‌ಗಳನ್ನು ರಾತ್ರಿ ಚಾರ್ಜಿಗೆ ಹಾಕಿದಾಗ ಒಟ್ಟಿಗೆ ಬಿಟ್ಟುಬಿಡಿ. ಐಫೋನಿನಲ್ಲಾದರೆ ಮಂಕಾಗಿ ಕಾಣುವ ಐಕಾನನ್ನು ಒತ್ತಿ ಹಿಡಿದರೆ ‘ಪ್ರಯಾರಿಟೈಸ್ ಡೌನ್‌ಲೋಡ್’ ಎಂಬ ಆಯ್ಕೆ ಬರುತ್ತದೆ.

ನಿಂತಿದೆಯೋ ನಿಧಾನವೋ ಎಂದು ತಿಳಿಯಲು ಒಂದು ಸಣ್ಣ ಲೆಕ್ಕ ಸಾಕು. ಇಂಟರ್ನೆಟ್ ವೇಗ ಹೇಳುವುದು ಮೆಗಾಬಿಟ್‌ನಲ್ಲಿ, ಆ್ಯಪ್‌ನ ಗಾತ್ರ ಮೆಗಾಬೈಟ್‌ನಲ್ಲಿ. ಎಂಟು ಬಿಟ್ ಸೇರಿದರೆ ಒಂದು ಬೈಟ್. ಅಂದರೆ ಸೆಕೆಂಡಿಗೆ 16 ಮೆಗಾಬಿಟ್ ಸಂಪರ್ಕದಲ್ಲಿ ಬರುವುದು ಹೆಚ್ಚೆಂದರೆ 2 ಮೆಗಾಬೈಟ್. ಸಾಲಿನಲ್ಲಿ ಒಟ್ಟು 6 ಜಿಬಿ ಇದ್ದರೆ, ಯಾವ ಅಡಚಣೆಯೂ ಇಲ್ಲದೆ 50 ನಿಮಿಷ ಬೇಕು. ಕೆಟ್ಟಿದೆ ಎಂದು ದೂರುವ ಫೋನುಗಳಲ್ಲಿ ಎಷ್ಟೋ ಈ 50 ನಿಮಿಷದ ಒಳಗೇ ಇರುತ್ತವೆ.

‘ವೇಟಿಂಗ್ ಫಾರ್ ವೈಫೈ’ ಎಂದು ಬಂದರೆ ಕತೆ ಬೇರೆ. ಪ್ಲೇ ಸ್ಟೋರ್‌ನ ಸೆಟ್ಟಿಂಗ್ಸ್‌ನಲ್ಲಿ ‘ನೆಟ್‌ವರ್ಕ್ ಪ್ರಿಫರೆನ್ಸಸ್’ ಒಳಗೆ ಡೌನ್‌ಲೋಡ್ ವೈಫೈನಲ್ಲಿ ಮಾತ್ರವೋ, ಯಾವುದರಲ್ಲಾದರೂ ಸರಿಯೋ, ಪ್ರತಿಸಲ ಕೇಳಬೇಕೋ ಎಂದು ಆರಿಸಬಹುದು. ಮೊಬೈಲ್ ಡೇಟಾದಲ್ಲಿದ್ದು ‘ವೈಫೈ ಮಾತ್ರ’ ಎಂದಿಟ್ಟಿದ್ದರೆ ಕಾಯುತ್ತಲೇ ಇರಬೇಕು. ಐಫೋನಿನ ಆ್ಯಪ್ ಸ್ಟೋರ್ ಸೆಟ್ಟಿಂಗ್‌ನಲ್ಲಿ ಇದೇ ಬಗೆಯ ಮೂರು ಆಯ್ಕೆಗಳಿವೆ, ಅದರಲ್ಲೊಂದು 200 ಎಂಬಿ ದಾಟಿದರೆ ಕೇಳು ಎನ್ನುವುದು.

ಇದರಲ್ಲೇ ಹಲವರನ್ನು ತಲೆ ಕೆರೆದುಕೊಳ್ಳುವಂತೆ ಮಾಡುವ ಪ್ರಕರಣವೊಂದಿದೆ. ಹಳೆಯ ಫೋನಿನ ಹಾಟ್‌ಸ್ಪಾಟ್‌ಗೆ ಹೊಸ ಫೋನನ್ನು ಜೋಡಿಸಿರುತ್ತೀರಿ. ಮೇಲೆ ವೈಫೈ ಗುರುತಿದೆ, ಬ್ರೌಸರ್ ಓಡುತ್ತಿದೆ, ಆದರೂ ಸ್ಟೋರ್ ‘ವೈಫೈಗಾಗಿ ಕಾಯುತ್ತಿದ್ದೇನೆ’ ಎನ್ನುತ್ತದೆ. ಸ್ಟೋರ್‌ಗೆ ಹುಚ್ಚು ಹಿಡಿದಿಲ್ಲ. ಆಂಡ್ರಾಯ್ಡ್ ಹಾಟ್‌ಸ್ಪಾಟ್, ಜೋಡಿಸಿಕೊಂಡ ಫೋನಿಗೆ ಐಪಿ ವಿಳಾಸ ಕೊಡುವಾಗಲೇ ‘ಇದು ಅಳೆದು ಕೊಡುವ ಸಂಪರ್ಕ, ಹುಷಾರಾಗಿ ಬಳಸು’ ಎಂಬ ಸಣ್ಣ ಚೀಟಿಯನ್ನೂ ಸೇರಿಸಿ ಕಳಿಸುತ್ತದೆ. ಹೊಸ ಫೋನು ಅದನ್ನು ಓದಿ, ಇದು ಹೆಸರಿಗೆ ವೈಫೈ, ಒಳಗಿರುವುದು ಮೊಬೈಲ್ ಡೇಟಾ ಎಂದು ಅರ್ಥಮಾಡಿಕೊಳ್ಳುತ್ತದೆ. ದೊಡ್ಡ ಡೌನ್‌ಲೋಡ್‌ಗಳು, ತಾನಾಗಿ ಆಗುವ ಅಪ್‌ಡೇಟ್‌ಗಳು ಹಿಂದೆ ಸರಿಯುತ್ತವೆ. ಡೇಟಾ ಸಾಕಷ್ಟಿದ್ದರೆ ಸೆಟ್ಟಿಂಗ್ಸ್‌ನಲ್ಲಿ ವೈಫೈಗೆ ಹೋಗಿ, ಆ ಹಾಟ್‌ಸ್ಪಾಟ್ ಹೆಸರಿನ ಪಕ್ಕದ ಹಲ್ಲುಚಕ್ರದ ಗುರುತು ಒತ್ತಿ, ‘ನೆಟ್‌ವರ್ಕ್ ಯೂಸೇಜ್’ ಅಥವಾ ‘ಮೀಟರ್ಡ್’ ಎಂಬಲ್ಲಿ ‘ಅನ್‌ಮೀಟರ್ಡ್’ ಆರಿಸಿ. ಸಾಲು ಚಲಿಸತೊಡಗುತ್ತದೆ. ಡೇಟಾ ಸೇವರ್, ಬ್ಯಾಟರಿ ಸೇವರ್ ಚಾಲೂ ಇದ್ದರೂ ಹಿನ್ನೆಲೆಯ ಡೌನ್‌ಲೋಡ್‌ಗಳಿಗೆ ಕಡಿವಾಣ ಬೀಳುತ್ತದೆ, ಅವನ್ನೂ ಒಮ್ಮೆ ಆಫ್ ಮಾಡಿ ನೋಡಿ.

ಏನೂ ಇಳಿಯದೆ, ‘ಸರ್ವರ್‌ನಿಂದ ಮಾಹಿತಿ ಪಡೆಯುವಲ್ಲಿ ದೋಷ’ ಎಂಬ ಅರ್ಥದ ಸಂದೇಶವೋ ಡಿಎಫ್-ಡಿಎಫ್‌ಇಆರ್‌ಎಚ್-01 ಎಂಬ ಮಂತ್ರದಂಥ ಅಕ್ಷರಗಳೋ ಬಂದರೆ ಮೊದಲು ನೋಡಬೇಕಾದ್ದು ದಿನಾಂಕ. ಹಾಸ್ಯವಲ್ಲ. ಫೋನು ಸ್ಟೋರಿನ ಸರ್ವರ್ ಜೊತೆ ಮಾತಾಡುವ ಮುನ್ನ ಅದರ ಪ್ರಮಾಣಪತ್ರ ಕೇಳುತ್ತದೆ. ಆ ಪತ್ರದಲ್ಲಿ ಇಂಥ ದಿನದಿಂದ ಇಂಥ ದಿನದವರೆಗೆ ಮಾನ್ಯ ಎಂದಿರುತ್ತದೆ, ಗೂಗಲ್ ಸರ್ವರ್‌ಗಳದ್ದು ಸಾಮಾನ್ಯವಾಗಿ ಮೂರು ತಿಂಗಳ ಆಸುಪಾಸಿನದು. ಸಿಮ್ ಹಾಕದೆ ಹೊಸದಾಗಿ ತೆರೆದ ಫೋನಿನ ಗಡಿಯಾರ ಒಂದು ವರ್ಷ ಹಿಂದಿದ್ದರೆ, ಅದರ ಕಣ್ಣಿಗೆ ಆ ಪತ್ರ ಇನ್ನೂ ಹುಟ್ಟೇ ಇಲ್ಲ. ಸಂಪರ್ಕ ಅಲ್ಲೇ ಕಡಿಯುತ್ತದೆ. ಸೆಟ್ಟಿಂಗ್ಸ್‌ನ ‘ಡೇಟ್ ಆ್ಯಂಡ್ ಟೈಮ್’ನಲ್ಲಿ ಸಮಯವನ್ನೂ ಟೈಮ್ ಝೋನನ್ನೂ ‘ಆಟೊಮ್ಯಾಟಿಕ್’ಗೆ ಇಟ್ಟರೆ ಮುಗಿಯಿತು.

ದಿನಾಂಕ ಸರಿಯಿದ್ದರೆ ತಪ್ಪು ಫೋನಿನದೋ ನೆಟ್‌ವರ್ಕಿನದೋ ಎಂದು ಬೇರ್ಪಡಿಸಬೇಕು. ವೈಫೈ ಆಫ್ ಮಾಡಿ ಮೊಬೈಲ್ ಡೇಟಾದಲ್ಲಿ ಹತ್ತಿಪ್ಪತ್ತು ಎಂಬಿಯ ಪುಟ್ಟ ಆ್ಯಪ್ ಒಂದನ್ನು ಇಳಿಸಿ ನೋಡಿ. ಇಳಿದರೆ ಫೋನು ನಿರಪರಾಧಿ; ರೂಟರ್ ಆರಿಸಿ ಅರ್ಧ ನಿಮಿಷ ಬಿಟ್ಟು ಹಚ್ಚಿ. ಸಾರ್ವಜನಿಕ ವೈಫೈ ಆಗಿದ್ದರೆ ಲಾಗಿನ್ ಪುಟ ಬಾಕಿ ಇದೆಯೇ ನೋಡಿ. ವಿಪಿಎನ್ (ಸಂಪರ್ಕವನ್ನು ಬೇರೊಂದು ಸರ್ವರ್ ಮೂಲಕ ಸುತ್ತಿಸುವ ಆ್ಯಪ್) ಇದ್ದರೆ ನಿಲ್ಲಿಸಿ. ಇನ್ನೊಂದು, ಬಹುಮಂದಿ ಮರೆಯುವ ಮೂಲೆ: 2018ರ ಆಂಡ್ರಾಯ್ಡ್ 9ರಿಂದ ಬಂದ ‘ಪ್ರೈವೇಟ್ ಡಿಎನ್‌ಎಸ್’. ಡಿಎನ್‌ಎಸ್ ಅಂದರೆ ಜಾಲತಾಣದ ಹೆಸರಿಗೆ ವಿಳಾಸ ಹುಡುಕಿಕೊಡುವ ವ್ಯವಸ್ಥೆ. ಜಾಹೀರಾತು ತಡೆಯಲೆಂದು ಅಲ್ಲಿ ಯಾವುದೋ ಸರ್ವರ್ ಹೆಸರು ಬರೆದಿಟ್ಟಿದ್ದು, ಅದು ಕೈಕೊಟ್ಟರೆ ಫೋನು ಬೇರೆ ದಾರಿ ಹುಡುಕುವುದಿಲ್ಲ, ಎಲ್ಲ ವಿಳಾಸಗಳಿಗೂ ಬಾಗಿಲು ಮುಚ್ಚುತ್ತದೆ. ‘ಆಟೊಮ್ಯಾಟಿಕ್’ನಲ್ಲಿದ್ದರೆ ಮಾತ್ರ ಮಾಮೂಲಿ ದಾರಿಗೆ ಮರಳುವ ಅವಕಾಶವಿದೆ.

ಅರ್ಧ ಇಳಿದು, ಅಥವಾ ಪೂರ್ತಿ ಇಳಿದ ಮೇಲೆ ‘ಜಾಗ ಸಾಲದು’ ಎಂದರೆ ಹೊಸ ಫೋನಿನವರಿಗೆ ಸಿಟ್ಟೇ ಬರುತ್ತದೆ. ಡಬ್ಬದ ಮೇಲಿನ ಜಿಬಿಯಲ್ಲಿ ಒಂದು ಪಾಲು ಆಪರೇಟಿಂಗ್ ಸಿಸ್ಟಮ್ ಮತ್ತು ಮೊದಲೇ ತುಂಬಿದ ಆ್ಯಪ್‌ಗಳದು. ಸ್ಟೋರ್‌ನಲ್ಲಿ ಕಾಣುವ ಗಾತ್ರ ಡೌನ್‌ಲೋಡ್‌ನದು, ಅದು ಅದುಮಿಟ್ಟ ಫೈಲು. ಬಿಚ್ಚಿದಾಗ ಹಿಗ್ಗುತ್ತದೆ, ಬಿಚ್ಚುವ ಹೊತ್ತಿನಲ್ಲಿ ತಾತ್ಕಾಲಿಕ ಫೈಲುಗಳೂ ಜಾಗ ಹಿಡಿಯುತ್ತವೆ. 300 ಎಂಬಿ ಆ್ಯಪ್‌ಗೆ 1 ಜಿಬಿ ಖಾಲಿ ಇರಲಿ ಎಂದುಕೊಂಡರೆ ಕ್ಷೇಮ. ಕೊನೆಯ ಹನಿಯವರೆಗೆ ತುಂಬಿಸಲು ಆಂಡ್ರಾಯ್ಡ್ ಬಿಡುವುದೂ ಇಲ್ಲ: ಅದರ ಮೂಲ ವಿನ್ಯಾಸದಲ್ಲಿ ಒಟ್ಟು ಜಾಗದ ಶೇ 5 ಅಥವಾ 500 ಎಂಬಿ, ಎರಡರಲ್ಲಿ ಯಾವುದು ಕಡಿಮೆಯೋ ಅಷ್ಟು ಉಳಿದಾಗಲೇ ‘ಜಾಗ ಮುಗಿಯಿತು’ ಎಂಬ ಗಂಟೆ ಬಾರಿಸುತ್ತದೆ. 400 ಎಂಬಿ ಖಾಲಿ ತೋರಿಸಿದರೂ 100 ಎಂಬಿಯ ಆ್ಯಪ್ ಕೂರದಿರುವುದು ಇದಕ್ಕೇ.

ಹೊಸ ಫೋನಿಗೆ ದೊಡ್ಡ ಸಿಸ್ಟಮ್ ಅಪ್‌ಡೇಟ್ ಬಂದಿದ್ದರೆ ಅದೂ ನೋಡಿಕೊಳ್ಳಬೇಕು. ಈಗಿನ ಹಲವು ಫೋನುಗಳಲ್ಲಿ ಹೊಸ ಆವೃತ್ತಿ ಹಿನ್ನೆಲೆಯಲ್ಲೇ ಸಿದ್ಧವಾಗಿ, ಮರುಚಾಲನೆಯವರೆಗೆ ನಿಮ್ಮ ಜಾಗದಲ್ಲೇ ಬಿಡಾರ ಹೂಡಿರುತ್ತದೆ. ಅಪ್‌ಡೇಟ್ ಮುಗಿಸಿ ರೀಸ್ಟಾರ್ಟ್ ಮಾಡಿ, ಕೆಲ ನಿಮಿಷ ಬಿಟ್ಟು ನೋಡಿದರೆ ಜಾಗ ಮರಳಿರುತ್ತದೆ. ನನ್ನ ಮಟ್ಟಿಗೆ ಹೊಸ ಫೋನಿನ ಸರಿಯಾದ ಕ್ರಮ ಇದು: ಮೊದಲು ಸಿಸ್ಟಮ್ ಅಪ್‌ಡೇಟ್, ಆಮೇಲೆ ಸ್ಟೋರ್.

ಇಳಿದದ್ದು ನೂರಕ್ಕೆ ನೂರಾಗಿ ‘ಇನ್‌ಸ್ಟಾಲಿಂಗ್’ನಲ್ಲಿ ನಿಂತರೆ ಎರಡು ಮೂರು ನಿಮಿಷ ತಾಳ್ಮೆ ಬೇಕು. ಸಹಿ ಪರಿಶೀಲನೆ, ಅಪಾಯಕಾರಿ ಆ್ಯಪ್ ಪತ್ತೆಹಚ್ಚುವ ಪ್ಲೇ ಪ್ರೊಟೆಕ್ಟ್‌ನ ತಪಾಸಣೆ, ಪ್ರೊಸೆಸರಿಗೆ ಒಗ್ಗುವಂತೆ ಕೋಡನ್ನು ಸಿದ್ಧಪಡಿಸುವುದು ಎಲ್ಲ ಆಗ ನಡೆಯುತ್ತಿರುತ್ತದೆ. ಹತ್ತು ನಿಮಿಷವಾದರೂ ಅಲುಗದಿದ್ದರೆ ರದ್ದು ಮಾಡಿ, ಫೋನು ರೀಸ್ಟಾರ್ಟ್ ಮಾಡಿ ಮತ್ತೆ ಹಾಕಿ.

ಹಳೆಯ ಫೋನಿನಿಂದ ಆ್ಯಪನ್ನೇ ಫೈಲಾಗಿ ಕಳಿಸಿಕೊಂಡು ಹಾಕುವವರಿಗೆ ‘ಆ್ಯಪ್ ನಾಟ್ ಇನ್‌ಸ್ಟಾಲ್ಡ್’ ಎಂಬ ಒಣ ಉತ್ತರ ಸಿಗುವುದು ಹೆಚ್ಚುತ್ತಿದೆ. 2021ರ ಆಗಸ್ಟ್‌ನಿಂದ ಪ್ಲೇ ಸ್ಟೋರ್‌ಗೆ ಬರುವ ಹೊಸ ಆ್ಯಪ್‌ಗಳು ‘ಆ್ಯಪ್ ಬಂಡಲ್’ ರೂಪದಲ್ಲೇ ಇರಬೇಕು. ಅದರಲ್ಲಿ ಪ್ರತಿ ಫೋನಿಗೂ ಬೇರೆ ಕಟ್ಟು: ಮೂಲ ಭಾಗ ಒಂದು, ನಿಮ್ಮ ಪ್ರೊಸೆಸರಿಗೆ ಒಂದು, ತೆರೆಯ ಸಾಂದ್ರತೆಗೆ ಒಂದು, ಭಾಷೆಗೆ ಒಂದು. ಕಳಿಸುವಾಗ ಮೂಲ ಭಾಗವಷ್ಟೇ ಬಂದರೆ ಅಂಗಿ ಬಂತು, ತೋಳು ಬರಲಿಲ್ಲ ಎಂಬ ಸ್ಥಿತಿ.

ಹಳೆಯ ಫೋನಿನಲ್ಲಿ ಚೆನ್ನಾಗಿಯೇ ಓಡುತ್ತಿರುವ ಆ್ಯಪ್ ಹೊಸದಕ್ಕೆ ಬಾರದಿರುವುದಕ್ಕೆ ಇನ್ನೂ ಗಟ್ಟಿಯಾದ ಕಾರಣಗಳುಂಟು. 2023ರ ಆಂಡ್ರಾಯ್ಡ್ 14, ಆಂಡ್ರಾಯ್ಡ್ 6ಕ್ಕಿಂತ ಹಿಂದಿನ ನಿಯಮಗಳಿಗೆ ಬರೆದ ಆ್ಯಪ್‌ಗಳನ್ನು ಹೊಸದಾಗಿ ಕೂರಿಸಲು ಬಿಡುವುದಿಲ್ಲ. ಕ್ಯಾಮೆರಾ, ಸಂಪರ್ಕ ಪಟ್ಟಿ ಮುಟ್ಟುವ ಮುನ್ನ ಬಳಕೆದಾರರನ್ನು ಕೇಳಬೇಕು ಎಂಬ ಪದ್ಧತಿ ಶುರುವಾದದ್ದು ಆಂಡ್ರಾಯ್ಡ್ 6ರಲ್ಲಿ. ಕಳ್ಳ ಆ್ಯಪ್‌ಗಳು ಬೇಕೆಂದೇ ಹಳೆಯ ವೇಷ ಹಾಕಿ ಈ ಕೇಳುವ ಶಾಸ್ತ್ರ ತಪ್ಪಿಸಿಕೊಳ್ಳುತ್ತಿದ್ದವು. ಹಳೆಯ ಫೋನು 14ಕ್ಕೆ ಅಪ್‌ಡೇಟ್ ಆದರೆ ಅದರಲ್ಲಿ ಆಗಲೇ ಇದ್ದ ಆ್ಯಪ್ ಉಳಿಯುತ್ತದೆ, ಹೊಸ ಫೋನಿಗೆ ಮಾತ್ರ ಪ್ರವೇಶವಿಲ್ಲ. ಹಾಗೆಯೇ 2022ರ ಗೂಗಲ್ ಪಿಕ್ಸೆಲ್ 7ರಂತೆ 64 ಬಿಟ್ ಆ್ಯಪ್‌ಗಳನ್ನಷ್ಟೇ ಒಪ್ಪುವ ಫೋನುಗಳಲ್ಲಿ 32 ಬಿಟ್‌ಗೆ ಮಾತ್ರ ಬರೆದ ಆ್ಯಪ್ ಓಡುವುದಿಲ್ಲ. ಇಂಥ ಕಡೆ ಕ್ಯಾಶ್ (ಆ್ಯಪ್ ತಾತ್ಕಾಲಿಕವಾಗಿ ಕೂಡಿಟ್ಟ ಮಾಹಿತಿ) ಎಷ್ಟು ಉಜ್ಜಿದರೂ ವ್ಯರ್ಥ. ಆ್ಯಪ್ ಬರೆದವರು ಹೊಸ ಆವೃತ್ತಿ ಕೊಡಬೇಕು, ಇಲ್ಲವೇ ನೀವು ಬದಲಿ ಹುಡುಕಬೇಕು.

ಇನ್‌ಸ್ಟಾಲ್ ಗುಂಡಿಯೇ ಕಾಣದೆ ‘ನಿಮ್ಮ ಸಾಧನಕ್ಕೆ ಹೊಂದುವುದಿಲ್ಲ’ ಎಂದರೆ ಮೊದಲ ಬಾಗಿಲಲ್ಲೇ ತಡೆ. ಆ್ಯಪ್ ಕೇಳುವ ಸೆನ್ಸರ್ ಫೋನಿನಲ್ಲಿಲ್ಲದಿರಬಹುದು, ಅಥವಾ ಅದು ನಿಮ್ಮ ಖಾತೆಯ ದೇಶಕ್ಕೆ ಬಿಡುಗಡೆಯಾಗದಿರಬಹುದು. ಪ್ಲೇ ಖಾತೆಯ ದೇಶವನ್ನು ವರ್ಷಕ್ಕೆ ಒಮ್ಮೆ ಮಾತ್ರ ಬದಲಿಸಬಹುದು, ಹಾಗಾಗಿ ಒಂದು ಆಟದ ಆಸೆಗೆ ಅದನ್ನು ಮುಟ್ಟಬೇಡಿ. ಫೋನಿಗೆ ಗೂಗಲ್ ಮಾನ್ಯತೆ ಇದೆಯೇ ಎಂಬುದು ಪ್ಲೇ ಸ್ಟೋರ್ ಸೆಟ್ಟಿಂಗ್ಸ್‌ನ ‘ಅಬೌಟ್’ನಲ್ಲಿ ‘ಸರ್ಟಿಫೈಡ್’ ಎಂಬ ಪದದಲ್ಲಿ ಸಿಗುತ್ತದೆ. ಐಫೋನಿನಲ್ಲಿ ಆ್ಯಪ್ ಸ್ಟೋರ್ ಐಕಾನೇ ಮಾಯವಾಗಿದ್ದರೆ ‘ಸ್ಕ್ರೀನ್ ಟೈಮ್’ ಒಳಗಿನ ನಿರ್ಬಂಧಗಳಲ್ಲಿ ಆ್ಯಪ್ ಹಾಕುವುದನ್ನು ತಡೆದಿದ್ದಾರೆಯೇ ನೋಡಿ.

ಇಷ್ಟಾದರೂ ಆಂಡ್ರಾಯ್ಡ್‌ನಲ್ಲಿ ಸರಿಹೋಗದಿದ್ದರೆ ಆಗ ಸ್ವಚ್ಛತೆ, ಅದೂ ಮೆತ್ತಗಿನದರಿಂದ ಶುರು. ಸೆಟ್ಟಿಂಗ್ಸ್, ಆ್ಯಪ್ಸ್, ಗೂಗಲ್ ಪ್ಲೇ ಸ್ಟೋರ್, ‘ಸ್ಟೋರೇಜ್ ಆ್ಯಂಡ್ ಕ್ಯಾಶ್’, ‘ಕ್ಲಿಯರ್ ಕ್ಯಾಶ್’. ಇದರಿಂದ ಕಳೆದುಕೊಳ್ಳುವುದು ಏನೂ ಇಲ್ಲ. ಸಾಲದಿದ್ದರೆ ಅಲ್ಲೇ ‘ಕ್ಲಿಯರ್ ಸ್ಟೋರೇಜ್’. ಹಾಕಿಕೊಂಡ ಆ್ಯಪ್‌ಗಳು ಹೋಗುವುದಿಲ್ಲ, ಆದರೆ ಮಕ್ಕಳಿಗೆಂದು ಇಟ್ಟ ನಿರ್ಬಂಧ, ಖರೀದಿಯ ಪಾಸ್‌ವರ್ಡ್ ರಕ್ಷಣೆಯಂಥ ಸ್ಟೋರ್ ಸೆಟ್ಟಿಂಗ್‌ಗಳು ಅಳಿಸಿಹೋಗಬಹುದು, ಮತ್ತೆ ಇಟ್ಟುಕೊಳ್ಳಿ. ಆಮೇಲೆ ಮೂರು ಚುಕ್ಕಿ ಒತ್ತಿ ‘ಅನ್‌ಇನ್‌ಸ್ಟಾಲ್ ಅಪ್‌ಡೇಟ್ಸ್’. ಸ್ಟೋರ್ ಕಾರ್ಖಾನೆಯ ಆವೃತ್ತಿಗೆ ಹೋಗಿ ಸ್ವಲ್ಪ ಹೊತ್ತಿನಲ್ಲಿ ತಾನೇ ಹೊಸದಾಗುತ್ತದೆ. ಆ್ಯಪ್‌ಗಳ ಪಟ್ಟಿಯಲ್ಲಿ ಸಿಸ್ಟಮ್ ಆ್ಯಪ್‌ಗಳನ್ನೂ ತೋರಿಸಲು ಹೇಳಿ ‘ಡೌನ್‌ಲೋಡ್ ಮ್ಯಾನೇಜರ್’ ನಿಷ್ಕ್ರಿಯವಾಗಿಲ್ಲ ಎಂದು ಖಚಿತಪಡಿಸಿಕೊಳ್ಳಿ. ಬ್ಯಾಟರಿ ಉಳಿಸಲೆಂದು ಕಂಡಕಂಡದ್ದನ್ನು ‘ಡಿಸೇಬಲ್’ ಮಾಡುವವರ ಕೈಯಲ್ಲಿ ಅದೂ ಬಲಿಯಾಗಿರುತ್ತದೆ.

ಪ್ಲೇ ಸರ್ವಿಸಸ್‌ನ ಸ್ಟೋರೇಜ್ ಅಳಿಸುವುದಕ್ಕೆ ಮುಂಚೆ ಮಾತ್ರ ತಡೆಯಿರಿ: ಅದರಲ್ಲಿ ಉಳಿಸಿದ ವರ್ಚುವಲ್ ಪಾವತಿ ಕಾರ್ಡ್, ಪ್ರಯಾಣದ ಕಾರ್ಡ್‌ಗಳು ಅಳಿಯಬಹುದು. ಖಾತೆ ತೆಗೆದು ಮತ್ತೆ ಸೇರಿಸುವ ಮುನ್ನ ಸಂಪರ್ಕ ಪಟ್ಟಿ, ಫೋಟೊ ಸಿಂಕ್ ಆಗಿವೆಯೇ ನೋಡಿಕೊಳ್ಳಿ, ಪಾಸ್‌ವರ್ಡ್ ನೆನಪಿದೆಯೇ ಎನ್ನುವುದನ್ನೂ.

ಫೋನಿನಲ್ಲಿರುವುದನ್ನೆಲ್ಲ ಅಳಿಸಿ ಹೊಸದರಂತೆ ಮಾಡುವ ಫ್ಯಾಕ್ಟರಿ ರೀಸೆಟ್ ಸಲಹೆ ಎಲ್ಲ ಕಡೆ ಪುಕ್ಕಟೆ ಸಿಗುತ್ತದೆ. ಹೆಚ್ಚಿನ ಸಲ ಅದು ನೆಗಡಿಗೆ ಮೂಗು ಕೊಯ್ದುಕೊಂಡ ಹಾಗೆ. ಎರಡು ಬೇರೆ ನೆಟ್‌ವರ್ಕ್, ಎರಡು ಬೇರೆ ಖಾತೆಗಳಲ್ಲಿ ಪುಟ್ಟ ಆ್ಯಪ್ ಕೂಡ ಇಳಿಯದಿದ್ದರೆ ಮಾತ್ರ ಆ ದಾರಿ ಹಿಡಿಯಿರಿ. ಹಿಡಿದರೆ, ಮರುಹೊಂದಿಸುವಾಗ ಬ್ಯಾಕಪ್‌ನ ಆ್ಯಪ್‌ಗಳನ್ನೆಲ್ಲ ಒಟ್ಟಿಗೆ ಕರೆಯಬೇಡಿ. ತುರ್ತಿನ ನಾಲ್ಕೈದನ್ನು ಮೊದಲು ಆರಿಸಿಕೊಳ್ಳಿ. ಇಲ್ಲದಿದ್ದರೆ ಅರ್ಧ ಗಂಟೆಯ ನಂತರ ಅದೇ ಬಳೆ, ಅದೇ ‘ಪೆಂಡಿಂಗ್’.