ಓದುಗರ ಪ್ರಶ್ನೆ: ನಮ್ಮ ಬೆಕ್ಕಿಗೆ ದಿನಕ್ಕೆ ಎಷ್ಟು ಕ್ಯಾಲೊರಿ ಬೇಕು?

ಪ್ರಶ್ನೆ: ನಮ್ಮದು 4 ವರ್ಷದ ಹೆಣ್ಣು ಬೆಕ್ಕು, ಮರಿ ಆಗದ ಹಾಗೆ ಆಪರೇಷನ್ ಆಗಿದೆ. ಮೊದಲು 4 ಕೆ.ಜಿ. ಇತ್ತು, ಈಗ 5 ಆಗಿದೆ. ಡ್ರೈ ಫುಡ್ ಹಾಕುತ್ತೇವೆ. ಮನೆಗೆ ಮೀನು ತಂದ ದಿನ ಅದೂ ಸಿಗುತ್ತದೆ. ದಿನಕ್ಕೆ ಎಷ್ಟು ಕ್ಯಾಲೊರಿ ಕೊಡಬೇಕು?
– ಓದುಗರೊಬ್ಬರು, ಮಲ್ಪೆ

ಉತ್ತರ: ಸದ್ಯಕ್ಕೆ 200 ಕ್ಯಾಲೊರಿಯಿಂದ ಶುರು ಮಾಡಿ. ಲೆಕ್ಕ ಹೀಗಿದೆ.

ಸುಮ್ನೆ ಮಲಗಿದ್ದರೂ ಬೆಕ್ಕಿನ ದೇಹಕ್ಕೆ ಇಷ್ಟು ಶಕ್ತಿ ಬೇಕು ಅಂತ ಪಶುವೈದ್ಯರು ಒಂದು ಸೂತ್ರ ಬಳಸುತ್ತಾರೆ. ಮೊಬೈಲ್ ಕ್ಯಾಲ್ಕುಲೇಟರ್ ಸಾಕು. ತೂಕವನ್ನು ಮೂರು ಸಲ ಗುಣಿಸಿ, ವರ್ಗಮೂಲದ ಬಟನ್ ಎರಡು ಸಲ ಒತ್ತಿ, ಬಂದದ್ದನ್ನು 70ರಿಂದ ಗುಣಿಸಿ. 4 ಕೆ.ಜಿ.ಗೆ 4×4×4 ಅಂದರೆ 64. ವರ್ಗಮೂಲ 8, ಮತ್ತೊಮ್ಮೆ 2.83, ಕೊನೆಗೆ 198. ಆಪರೇಷನ್ ಆದ ದೊಡ್ಡ ಬೆಕ್ಕಿಗೆ ಇದರ 1.2 ಪಟ್ಟು, ಸುಮಾರು 240. ಆಪರೇಷನ್ ಆಗದಿದ್ದರೆ 1.4 ಪಟ್ಟು. ಬೆಳೆಯುವ ಮರಿಗೆ 2.5 ಪಟ್ಟಿನಷ್ಟು ಬೇಕಾಗುತ್ತದೆ.

ನಿಮ್ಮ ಬೆಕ್ಕು ಇಳಿಯಬೇಕು. ಹಾಗಾಗಿ ಈಗಿನ 5 ಕೆ.ಜಿ. ಹಿಡಿಯಬೇಡಿ, ಇರಬೇಕಾದ 4 ಕೆ.ಜಿ.ಗೆ ಲೆಕ್ಕ ಹಾಕಿ, ಪಟ್ಟು ಏನೂ ಸೇರಿಸಬೇಡಿ. 200 ಬಂದದ್ದು ಹಾಗೆ. ಪ್ಯಾಕೆಟ್ ಮೇಲೆ 'ಕೆಕ್ಯಾಲ್' ಅಂತ ಇರುವುದೇ ನಾವು ಹೇಳುವ ಕ್ಯಾಲೊರಿ. 100 ಗ್ರಾಂಗೆ 380 ಅಂತಿದ್ದರೆ ದಿನಕ್ಕೆ 53 ಗ್ರಾಂ. ಕಪ್ಪಿನಲ್ಲಿ ಅಳೆಯಬೇಡಿ, ಅಡುಗೆಮನೆ ತಕ್ಕಡಿಯಲ್ಲೇ ತೂಗಿ. ಇಷ್ಟು ಚಿಕ್ಕ ಪ್ರಾಣಿಗೆ 10 ಗ್ರಾಂ ಹೆಚ್ಚು ಕಡಿಮೆಯಾದರೂ ದೊಡ್ಡ ವ್ಯತ್ಯಾಸ.

ಆದರೆ ನಮ್ಮ ಕಡೆ ಲೆಕ್ಕ ತಪ್ಪುವುದು ಪ್ಯಾಕೆಟ್‌ನಿಂದಲ್ಲ, ಮೀನಿನಿಂದ. ಅಮ್ಮ ಮೆಟ್ಟುಕತ್ತಿ ಹಿಡಿದು ಬೂತಾಯಿ ಮೀನು ಕೊಯ್ಯಲು ಕೂತ ಕೂಡಲೇ ಬೆಕ್ಕು ಪಕ್ಕದಲ್ಲಿ ಹಾಜರು. ಒಂದು ತಲೆ, ಒಂದು ಬಾಲ ಅಂತ ಹೋಗುತ್ತಲೇ ಇರುತ್ತದೆ. ಮಧ್ಯಾಹ್ನ ಅಜ್ಜಿ ಅನ್ನ ಕಲಸಿ ಹಾಕುತ್ತಾರೆ. ಬೇಯಿಸಿದ ಬೂತಾಯಿಯ 40 ಗ್ರಾಂ ಮಾಂಸದಲ್ಲಿ ಸುಮಾರು 70 ಕ್ಯಾಲೊರಿ, 50 ಗ್ರಾಂ ಅನ್ನದಲ್ಲಿ 65. ದಿನದ ಪಾಲಿನ ಮೂರರಲ್ಲಿ ಎರಡು ಭಾಗ ಅಲ್ಲೇ ಮುಗಿಯಿತು! ಆಮೇಲೆ ಬಟ್ಟಲು ತುಂಬ ಡ್ರೈ ಫುಡ್ ಬೇರೆ. ಇದರಲ್ಲಿ ಬೆಕ್ಕಿನ ತಪ್ಪೇನೂ ಇಲ್ಲ, ಅಲ್ವಾ?

ಮೀನು ಪೂರ್ತಿ ನಿಲ್ಲಿಸಿ ಅನ್ನಲು ನನಗೆ ಮನಸ್ಸಿಲ್ಲ. ದಿನಕ್ಕೆ 20 ಕ್ಯಾಲೊರಿಯೊಳಗೆ, ಅಂದರೆ 10 ಗ್ರಾಂನಷ್ಟು ಕೊಡಿ, ಅಷ್ಟನ್ನು ಡ್ರೈ ಫುಡ್‌ನಲ್ಲಿ ಕಳೆಯಿರಿ. ಬೇಯಿಸಿಯೇ ಕೊಡಿ, ಮುಳ್ಳು ತೆಗೆಯಿರಿ. ಹಸಿ ಬೂತಾಯಿಯಲ್ಲಿ ವಿಟಮಿನ್ ಬಿ1 ಹಾಳು ಮಾಡುವ ಅಂಶವಿದೆ, ಬೇಯಿಸಿದರೆ ಅದು ಹೋಗುತ್ತದೆ. ಸಾರಿನ ಮೀನು ಬೇಡವೇ ಬೇಡ. ನೀರುಳ್ಳಿ, ಬೆಳ್ಳುಳ್ಳಿ ಬೆಕ್ಕಿಗೆ ವಿಷ.

ಸೂತ್ರ ಹೇಳುವುದು ಅಂದಾಜು ಮಾತ್ರ. ಎರಡು ವಾರಕ್ಕೊಮ್ಮೆ ಬೆಕ್ಕನ್ನು ಎತ್ತಿಕೊಂಡು ತೂಕ ನೋಡಿ, ನಿಮ್ಮ ತೂಕ ಕಳೆಯಿರಿ. ಪಕ್ಕೆಯನ್ನೂ ಸವರಿ: ಅಂಗೈ ಹಿಂಬದಿಯ ಎಲುಬಿನ ಹಾಗೆ ಪಕ್ಕೆಲುಬು ಬೆರಳಿಗೆ ಸಿಗಬೇಕು. ವಾರಕ್ಕೆ 50 ಗ್ರಾಂ ಇಳಿದರೆ ಸಾಕು, 100 ದಾಟಬಾರದು. ಇಳಿಯದಿದ್ದರೆ ವೈದ್ಯರನ್ನು ಕೇಳಿ ದಿನಕ್ಕೆ 160 ಕ್ಯಾಲೊರಿಯವರೆಗೆ ತಗ್ಗಿಸಬಹುದು.

ಉಪವಾಸ ಮಾತ್ರ ಹಾಕಬೇಡಿ. ದಪ್ಪ ಬೆಕ್ಕು ಎರಡು ಮೂರು ದಿನ ತಿನ್ನದೇ ಇದ್ದರೆ ಕೊಬ್ಬು ಲಿವರ್‌ಗೆ ತುಂಬಿ ಜೀವಕ್ಕೇ ಅಪಾಯ. ಒಂದು ಇಡೀ ದಿನ ಏನೂ ಮುಟ್ಟದಿದ್ದರೆ ಕಾಯಬೇಡಿ, ಪಶುವೈದ್ಯರ ಹತ್ತಿರ ಕರೆದುಕೊಂಡು ಹೋಗಿ.