ಓವನ್ ಒಳಗೆ ಬೆವರುವ ಸಾಸೇಜ್

ಇಡ್ಲಿ ಪಾತ್ರೆಯೊಳಗೆ ಇರುವುದು 100 ಡಿಗ್ರಿ ಸೆಲ್ಸಿಯಸ್ ಹಬೆ. ಅದರಲ್ಲಿ ಇಡ್ಲಿ ಹತ್ತು ಹನ್ನೆರಡು ನಿಮಿಷಕ್ಕೆ ಬೇಯುತ್ತದೆ. ಓವನ್‌ನಲ್ಲಿ 200 ಡಿಗ್ರಿ ಇಟ್ಟರೂ ಹೆಬ್ಬೆರಳು ಗಾತ್ರದ ಸಾಸೇಜ್ (ತೆಳು ಚರ್ಮದ ಕೊಳವೆಗೆ ತುಂಬಿದ ಕೊಚ್ಚಿದ ಮಾಂಸ) ಬೇಯಲು 20 ನಿಮಿಷ ಬೇಕು. ಡಿಗ್ರಿಯೂ ಜಾಸ್ತಿ, ಹೊತ್ತೂ ಜಾಸ್ತಿ. ವಿಚಿತ್ರ ಅಲ್ವಾ? ಈ ಒಗಟು ಬಿಡಿಸಿಕೊಂಡರೆ ಸಾಸೇಜ್ ಯಾಕೆ ಒಡೆಯುತ್ತದೆ, ಯಾಕೆ ಕೆಲವೊಮ್ಮೆ ಬಿಳಚಿಕೊಂಡೇ ಉಳಿಯುತ್ತದೆ, ಯಾಕೆ ಒಣಗಿ ನಾರಾಗುತ್ತದೆ ಎಂಬುದೂ ಅರ್ಥವಾಗುತ್ತದೆ.

ಮಂಗಳೂರಿಗೆ ಹಂದಿ ಮಾಂಸದ ಅಡುಗೆ ಹೊಸದಲ್ಲ. ಬೆಂದೂರು, ವೆಲೆನ್ಸಿಯಾ, ಕುಲಶೇಖರದ ಕ್ರೈಸ್ತರ ಮನೆಗಳಲ್ಲಿ ಹಬ್ಬ ಅಂದರೆ ಇಡ್ಲಿಯಂಥ ಸನ್ನ ಮತ್ತು ಹಂದಿ ಮಾಂಸದ ದುಕ್ರಾ ಮಾಸ್. ಬಫಾತ್ ಎಂಬ ಮಸಾಲೆ ಪುಡಿ ಹಾಕಿ, ಮಾಂಸ ತನ್ನದೇ ನೀರು ಮತ್ತು ಕೊಬ್ಬಿನಲ್ಲಿ ನಿಧಾನವಾಗಿ ಬೇಯುವ ಅಡುಗೆ ಅದು. ನೀರುದೋಸೆಯ ಪಕ್ಕ ಸಾಸೇಜ್ ಬಂದು ಕೂತದ್ದು ಈಚೆಗೆ. ಅಡುಗೆಮನೆಯ ಕಟ್ಟೆಯ ಮೇಲೆ ಓಟಿಜಿ ಎಂಬ ಸಣ್ಣ ವಿದ್ಯುತ್ ಓವನ್ ಬಂತು, ಸೂಪರ್‌ಮಾರ್ಕೆಟ್ ಫ್ರೀಜರ್‌ನಲ್ಲಿ ಪ್ಯಾಕೆಟ್ ಬಂತು. ಆದರೆ ಪಾತ್ರೆಯ ಅಡುಗೆಯ ಲೆಕ್ಕ ಓವನ್‌ಗೆ ಹೊಂದುವುದಿಲ್ಲ. ಇಲ್ಲಿ ನೀರಿನ ಆಟವೇ ಬೇರೆ.

ಮೊದಲು ಗಾಳಿಯನ್ನು ನೋಡೋಣ. 30 ಲೀಟರ್ ಓಟಿಜಿಯೊಳಗಿನ 200 ಡಿಗ್ರಿಯ ಗಾಳಿಯನ್ನು ತೂಗಿದರೆ ಸುಮಾರು 22 ಗ್ರಾಂ. ಅಷ್ಟೂ ಗಾಳಿ ತನ್ನ ಬಿಸಿಯನ್ನೆಲ್ಲ ಸುರಿದುಬಿಟ್ಟರೂ ಕಾಲು ಕಿಲೋ ಸಾಸೇಜ್ ನಾಲ್ಕೈದು ಡಿಗ್ರಿ ಬಿಸಿಯಾಗಬಹುದು, ಅಷ್ಟೇ. ಬಿಸಿ ಓವನ್‌ಗೆ ಕ್ಷಣಕಾಲ ಕೈ ಹಾಕಿ ತೆಗೆದರೆ ಸುಡುವುದಿಲ್ಲ, ಒಳಗಿನ ತಟ್ಟೆ ಮುಟ್ಟಿದರೆ ತಕ್ಷಣ ಬೊಬ್ಬೆ ಏಳುತ್ತದೆ. ಎರಡರ ಡಿಗ್ರಿಯೂ ಒಂದೇ. ಗಾಳಿಯಲ್ಲಿ ಬಿಸಿಯ ಸರಕು ಕಡಿಮೆ, ಅದನ್ನು ದಾಟಿಸುವ ಶಕ್ತಿಯೂ ಕಡಿಮೆ. ಹಾಗಾಗಿ ಬೇಯಿಸುವ ಕೆಲಸದಲ್ಲಿ ದೊಡ್ಡ ಪಾಲು ಕೆಂಪಗೆ ಕಾದ ಸಲಾಕೆಗಳದ್ದು, ಒಳಗೋಡೆಗಳದ್ದು, ತಟ್ಟೆಯದ್ದು. ಹತ್ತು ನಿಮಿಷ ಮೊದಲೇ ಓವನ್ ಕಾಯಿಸಿಡುವುದು ಈ ಗೋಡೆಗಳಿಗಾಗಿ. ಸಾಸೇಜ್ ತಿರುವಲು ಬಾಗಿಲು ತೆಗೆದರೆ ಬಿಸಿಯೆಲ್ಲ ಹೋಯಿತು ಎಂದು ಗಾಬರಿಯಾಗಬೇಕಿಲ್ಲ. ಹೋದದ್ದು ಆ 22 ಗ್ರಾಂ ಗಾಳಿ. ಬಾಗಿಲು ಬೇಗ ಮುಚ್ಚಿದರೆ ಗೋಡೆಗಳ ಬಿಸಿ ಹಾಗೇ ಇರುತ್ತದೆ.

ಇನ್ನು ಹಬೆ. ಒಂದು ಗ್ರಾಂ ನೀರನ್ನು 30 ಡಿಗ್ರಿಯಿಂದ 100 ಡಿಗ್ರಿಗೆ ಏರಿಸಲು ಸುಮಾರು 293 ಜೂಲ್ ಶಕ್ತಿ ಸಾಕು. ಅದೇ ನೀರನ್ನು ಹಬೆ ಮಾಡಲು ಮತ್ತೆ 2,257 ಜೂಲ್ ಬೇಕು. ಅಂದರೆ ಏಳೂವರೆ ಪಟ್ಟಿಗೂ ಜಾಸ್ತಿ. ಇಡ್ಲಿ ಪಾತ್ರೆಯಲ್ಲಿ ಹಬೆ ತಣ್ಣನೆಯ ಹಿಟ್ಟಿಗೆ ತಾಗಿ ಮತ್ತೆ ನೀರಾಗುತ್ತದೆ. ಆಗ ಆ 2,257 ಜೂಲ್ ಪೂರ್ತಿಯಾಗಿ ಹಿಟ್ಟಿಗೆ ಸೇರುತ್ತದೆ. ಒಣ ಓವನ್‌ನಲ್ಲಿ ನಡೆಯುವುದು ಉಲ್ಟಾ. ಸಾಸೇಜ್‌ನ ಮೈಯಿಂದ ನೀರು ಆವಿಯಾಗಿ ಹೋಗುತ್ತದೆ. ಹೋಗುವಾಗ ಒಂದೊಂದು ಗ್ರಾಂ ನೀರೂ ಅಷ್ಟೇ ಬಿಸಿಯನ್ನು ಹೊತ್ತುಕೊಂಡು ಹೋಗುತ್ತದೆ.

ಕರಾವಳಿಯವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಏಪ್ರಿಲ್‌ನಲ್ಲಿ ಕಲಬುರಗಿಯಲ್ಲಿ 40 ಡಿಗ್ರಿ ಬಿಸಿಲು, ಮಂಗಳೂರಿನಲ್ಲಿ 33 ಅಥವಾ 34. ಆದರೂ ಒದ್ದಾಡಿಸುವುದು ನಮ್ಮ ಸೆಕೆ. ಅಲ್ಲಿ ಒಣ ಗಾಳಿ, ಬೆವರು ಬಂದ ಹಾಗೇ ಆರುತ್ತದೆ, ಮೈ ತಂಪಾಗುತ್ತದೆ. ಇಲ್ಲಿ ಬೆವರು ಆರುವುದೇ ಇಲ್ಲ. ಇಡ್ಲಿ ಪಾತ್ರೆ ಅಂದರೆ ಮಂಗಳೂರಿನ ಸೆಕೆ, ಓವನ್ ಅಂದರೆ ಕಲಬುರಗಿಯ ಬಿಸಿಲು. ಓವನ್‌ನಲ್ಲಿ ಸಾಸೇಜ್ ಬೆವರಿ ಬೆವರಿ ತನ್ನನ್ನು ತಂಪಾಗಿ ಇಟ್ಟುಕೊಳ್ಳುತ್ತದೆ. ಮೇಲ್ಮೈ ಒದ್ದೆ ಇರುವಷ್ಟು ಹೊತ್ತು ಸುತ್ತ 200 ಡಿಗ್ರಿ ಇದ್ದರೂ ಅದು 100 ದಾಟುವುದಿಲ್ಲ. ಸಾಮಾನ್ಯವಾಗಿ ಅದಕ್ಕಿಂತ ಎಷ್ಟೋ ಕೆಳಗೇ ನಿಂತಿರುತ್ತದೆ.

ಹಾಗಾದರೆ ಮಳೆಗಾಲದಲ್ಲಿ ಓವನ್ ಕೆಲಸ ಕೆಡುತ್ತದಾ? ಜುಲೈನಲ್ಲಿ ಮಂಗಳೂರಿನ ಗಾಳಿಯ ತೇವ ಶೇಕಡಾ 90ರ ಹತ್ತಿರ ಇರುತ್ತದೆ. ಬಟ್ಟೆ ಒಣಗುವುದಿಲ್ಲ, ಹಪ್ಪಳ ಮೆತ್ತಗಾಗುತ್ತದೆ. ಆದರೆ ಅದೇ ಗಾಳಿ 200 ಡಿಗ್ರಿಗೆ ಕಾದಾಗ ಅದರ ತೇವ ಶೇಕಡಾ ಒಂದಕ್ಕಿಂತಲೂ ಕೆಳಗೆ ಇಳಿಯುತ್ತದೆ. ಬಿಸಿಯಾದಷ್ಟೂ ಗಾಳಿಗೆ ನೀರು ಹಿಡಿಯುವ ಶಕ್ತಿ ಹೆಚ್ಚುತ್ತದೆ. ಹೊರಗೆ ಎಷ್ಟೇ ಮಳೆ ಸುರಿಯಲಿ, ಓವನ್ ಒಳಗೆ ಮರುಭೂಮಿಯ ಹವೆ.

ಆ ಹವೆ ಕೆಡುವುದು ಹೊರಗಿನ ಮಳೆಯಿಂದ ಅಲ್ಲ, ನಾವು ತಟ್ಟೆ ತುಂಬಿಸುವುದರಿಂದ. ಸಾಸೇಜ್‌ಗಳೆಲ್ಲ ಸೇರಿ 30 ಗ್ರಾಂ ನೀರು ಬಿಟ್ಟರೆ ಅದು ಸುಮಾರು 50 ಲೀಟರ್ ಹಬೆ. ಓಟಿಜಿ ಇರುವುದೇ 30 ಲೀಟರ್! ಒತ್ತೊತ್ತಾಗಿ ಜೋಡಿಸಿದರೆ ಒಂದರ ಹಬೆ ಇನ್ನೊಂದರ ಮೈಗೆ ತಾಗುತ್ತದೆ, ಮೇಲ್ಮೈ ಒಣಗುವುದಿಲ್ಲ. ಬೇಯುವುದೇನೋ ಬೇಯುತ್ತದೆ, ಬಣ್ಣ ಬರುವುದಿಲ್ಲ. ಒಂದೊಂದರ ನಡುವೆ ಬೆರಳಗಲ ಜಾಗ ಬಿಡಿ. ತಟ್ಟೆಯ ಮೇಲೆ ಜಾಲರಿ ಇಟ್ಟು ಅದರ ಮೇಲೆ ಸಾಸೇಜ್ ಇಟ್ಟರೆ ಇನ್ನೂ ಒಳ್ಳೆಯದು, ಅಡಿಭಾಗವೂ ಒಣಗುತ್ತದೆ. ಫ್ರೀಜರ್‌ನಿಂದ ತೆಗೆದ ಸಾಸೇಜ್ ಅನ್ನು ಹಿಂದಿನ ರಾತ್ರಿಯೇ ಫ್ರಿಡ್ಜ್‌ನ ಕೆಳಗಿನ ಹಂತಕ್ಕೆ ಇಳಿಸಿ. ಬೆಳಿಗ್ಗೆ ಮೈಮೇಲಿನ ನೀರನ್ನು ಟಿಶ್ಯೂ ಕಾಗದದಿಂದ ಒತ್ತಿ ಒರೆಸಿ. ಇದು ಸಣ್ಣ ಕೆಲಸ, ಆದರೆ ಬಣ್ಣಕ್ಕೆ ಇದಕ್ಕಿಂತ ದೊಡ್ಡ ಸಹಾಯ ಬೇರೆ ಇಲ್ಲ.

ಯಾಕೆಂದರೆ ಕಂದು ಬಣ್ಣ ಶುರುವಾಗುವುದೇ ನೀರು ಮುಗಿದ ಮೇಲೆ. ಪ್ರೋಟೀನ್‌ನ ತುಣುಕುಗಳಾದ ಅಮೈನೋ ಆಮ್ಲಗಳೂ ಕೆಲವು ಸಕ್ಕರೆಗಳೂ ಬಿಸಿಯಲ್ಲಿ ಸೇರಿ ನೂರಾರು ಹೊಸ ಪರಿಮಳಗಳನ್ನು ಹುಟ್ಟಿಸುತ್ತವೆ. 1912ರಲ್ಲಿ ಫ್ರಾನ್ಸಿನ ಲೂಯಿ ಕಮೀಲ್ ಮೆಯಾರ್ ಇದನ್ನು ಮೊದಲು ವಿವರಿಸಿದರು. 1953ರಲ್ಲಿ ಅಮೆರಿಕದ ಜಾನ್ ಹಾಜ್ ಇದರ ಹಂತಗಳನ್ನು ಬಿಡಿಸಿ ಇಟ್ಟರು. ಮಾಂಸದ ಮೇಲೆ ಇದು ಜೋರಾಗಿ ನಡೆಯುವುದು 140 ಡಿಗ್ರಿಯ ಆಸುಪಾಸಿನಲ್ಲಿ. ಒದ್ದೆ ಮೇಲ್ಮೈ ಅಲ್ಲಿಗೆ ಮುಟ್ಟುವುದೇ ಇಲ್ಲ. ಅಮೆರಿಕದ ಬೆಳಗಿನ ಸಾಸೇಜ್‌ಗೆ ಸೇಜ್ ಎಂಬ ಸೊಪ್ಪು ಮತ್ತು ಒಳ್ಳೆಮೆಣಸಿನ ಜೊತೆ ಎಷ್ಟೋ ಕಡೆ ಸ್ವಲ್ಪ ಸಿಹಿಯನ್ನೂ ಹಾಕುತ್ತಾರೆ. ಮನೆಯಲ್ಲೇ ಮಾಡುವವರು ಚೂರು ಬೆಲ್ಲ ಹಾಕಿ ನೋಡಬಹುದು. ಬೆಲ್ಲದಲ್ಲಿ ಗ್ಲುಕೋಸ್, ಫ್ರಕ್ಟೋಸ್ ಸ್ವಲ್ಪ ಇರುವುದರಿಂದ ಬಣ್ಣ ಬೇಗ ಬರುತ್ತದೆ. ವಿನೆಗರ್ ಜಾಸ್ತಿ ಹಾಕಿದರೆ ಬಣ್ಣ ನಿಧಾನ, ಹುಳಿ ಈ ಕ್ರಿಯೆಯನ್ನು ಹಿಂದಕ್ಕೆ ಎಳೆಯುತ್ತದೆ.

ಮೇಲೆ 140 ಬೇಕು, ಆದರೆ ಒಳಗೆ? ಅಲ್ಲಿ 71 ಸಾಕು. ಓವನ್‌ನಲ್ಲಿ ಸಾಸೇಜ್ ಮಾಡುವುದರ ಜಾಣತನವೆಲ್ಲ ಇರುವುದು ಈ ಎರಡು ಸಂಖ್ಯೆಗಳ ನಡುವೆ.

ಕಚ್ಚಾ ಸಾಸೇಜ್ ಅಂದರೆ ಕೊಚ್ಚಿದ ಮಾಂಸ, ಕೊಬ್ಬು, ಉಪ್ಪು. ಅಮೆರಿಕದ ನಿಯಮದ ಪ್ರಕಾರ ತಾಜಾ ಪೋರ್ಕ್ ಸಾಸೇಜ್‌ನಲ್ಲಿ ಕೊಬ್ಬು ಶೇಕಡಾ 50 ಮೀರುವಂತಿಲ್ಲ. ಉಪ್ಪು ಬರೀ ರುಚಿಗೆ ಅಲ್ಲ. ಅದು ಮಾಂಸದಿಂದ ಮಯೋಸಿನ್ ಎಂಬ ಪ್ರೋಟೀನ್ ಅನ್ನು ಹೊರಗೆ ಎಳೆದು ಅಂಟಾಗಿಸುತ್ತದೆ. ಬಿಸಿ 50 ಡಿಗ್ರಿ ದಾಟುವ ಹೊತ್ತಿಗೆ ಈ ಮಯೋಸಿನ್ ಬಲೆಯ ಹಾಗೆ ಗಟ್ಟಿಯಾಗಿ ನೀರು ಮತ್ತು ಕೊಬ್ಬನ್ನು ಒಳಗೇ ಹಿಡಿಯುತ್ತದೆ. 60ರಿಂದ 65ರ ನಡುವೆ ಕೊಲಾಜೆನ್ ಎಂಬ ನಾರಿನಂಥ ಪ್ರೋಟೀನ್ ಕುಗ್ಗಿ ಹಿಂಡಲು ಶುರು ಮಾಡುತ್ತದೆ. 70ರ ಸುತ್ತ ಆಕ್ಟಿನ್ ಎಂಬ ಇನ್ನೊಂದು ಪ್ರೋಟೀನ್ ಬಿಗಿಯುತ್ತದೆ. ಅಲ್ಲಿಂದ ಮುಂದೆ ಒಂದೊಂದು ಡಿಗ್ರಿಗೂ ರಸ ಹೊರಗೆ. 71ಕ್ಕೆ ತೆಗೆದ ಸಾಸೇಜ್‌ಗೂ 85ಕ್ಕೆ ತೆಗೆದದ್ದಕ್ಕೂ ಇರುವ ವ್ಯತ್ಯಾಸವನ್ನು ಮೊದಲ ತುತ್ತಿನಲ್ಲೇ ಗುರುತಿಸಬಹುದು.

ನಮ್ಮೂರಲ್ಲಿ ಮನೆಯಲ್ಲೇ ಸಾಸೇಜ್ ಮಾಡುವವರಿಗೆ ಒಂದು ಮಾತು. ಹಂದಿ ಕೊಬ್ಬು 30 ಡಿಗ್ರಿಯ ಆಚೆಗೆ ಕರಗಲು ಶುರುವಾಗುತ್ತದೆ, ನಮ್ಮ ಅಡುಗೆಮನೆ ಇರುವುದೇ ಅಷ್ಟು ಬಿಸಿ. ಕಲಸುವಾಗಲೇ ಕೊಬ್ಬು ಮೆತ್ತಿಕೊಂಡರೆ ಮಯೋಸಿನ್ ಬಲೆ ಸರಿಯಾಗಿ ಕಟ್ಟುವುದಿಲ್ಲ. ಆಮೇಲೆ ಓವನ್‌ನಲ್ಲಿ ಎಣ್ಣೆಯೆಲ್ಲ ತಟ್ಟೆಗೆ ಇಳಿದು ಹುಡಿ ಹುಡಿಯಾದ ಮಾಂಸ ಉಳಿಯುತ್ತದೆ. ಮಾಂಸ, ಪಾತ್ರೆ, ಕೊಚ್ಚುವ ಮಿಷನ್ನಿನ ಬ್ಲೇಡ್ ಎಲ್ಲವನ್ನೂ ಮೊದಲು ಫ್ರೀಜರ್‌ನಲ್ಲಿ ತಣ್ಣಗೆ ಮಾಡಿಕೊಳ್ಳಿ.

ಒಡೆಯುವ ತೊಂದರೆಗೆ ಬರೋಣ. ಕಾದ ಬಾಣಲೆಗೆ ಹಾಕಿದರೆ ಸಾಸೇಜ್‌ನ ಒಂದೇ ಬದಿಗೆ 200 ಡಿಗ್ರಿಯ ಲೋಹ ತಾಗುತ್ತದೆ. ಆ ಬದಿಯ ಚರ್ಮ ಒಣಗಿ ಬಿರುಸಾಗುತ್ತದೆ, ಒಳಗೆ ಹಬೆ ಒತ್ತುತ್ತದೆ, ಪಟ್ ಎಂದು ಸೀಳುತ್ತದೆ. ಓವನ್‌ನಲ್ಲಿ ಬಿಸಿ ಸುತ್ತಲಿಂದಲೂ ನಿಧಾನವಾಗಿ ಬರುವುದರಿಂದ ಚರ್ಮವೂ ಒಳಗಿನ ಮಾಂಸವೂ ಸರಿಸುಮಾರು ಜೊತೆಯಾಗಿ ಬಿಸಿಯಾಗುತ್ತವೆ. ಓವನ್ ನನಗೆ ಇಷ್ಟವಾಗುವುದು ಇದಕ್ಕೇ. ಒಡೆಯದಿರಲಿ ಎಂದು ಫೋರ್ಕ್‌ನಿಂದ ಚುಚ್ಚುವವರಿದ್ದಾರೆ. ದಯವಿಟ್ಟು ಚುಚ್ಚಬೇಡಿ. ಮಯೋಸಿನ್ ಅಷ್ಟು ಕಷ್ಟಪಟ್ಟು ಹಿಡಿದಿಟ್ಟ ರಸ ಆ ತೂತುಗಳಿಂದ ಸುಮ್ನೆ ಹೋಗುತ್ತದೆ.

ಸಣ್ಣ ಓಟಿಜಿಯಲ್ಲಿ ಮಾತ್ರ ಒಂದು ಎಚ್ಚರ ಬೇಕು. ಅದರ ಮೇಲಿನ ಸಲಾಕೆ ಆಹಾರಕ್ಕೆ ತೀರಾ ಹತ್ತಿರ. ಕಾದ ವಸ್ತು ಸೂಸುವ ಶಕ್ತಿ ಅದರ ಕೆಲ್ವಿನ್ ಉಷ್ಣತೆಯ (ಸೆಲ್ಸಿಯಸ್‌ಗೆ 273 ಕೂಡಿಸಿದ್ದು) ನಾಲ್ಕನೇ ಘಾತಕ್ಕೆ ತಕ್ಕಂತೆ ಏರುತ್ತದೆ ಎಂದು 1879ರಲ್ಲಿ ಭೌತವಿಜ್ಞಾನಿ ಸ್ಟೆಫಾನ್ ಕಂಡುಕೊಂಡರು. ಕೆಲ್ವಿನ್ ಲೆಕ್ಕದಲ್ಲಿ ಎರಡು ಪಟ್ಟಾದರೆ ಸೂಸುವ ಶಕ್ತಿ ಹದಿನಾರು ಪಟ್ಟು! ಕೆಂಪಗೆ ಹೊಳೆಯುವ ಸಲಾಕೆಯ ಕೆಳಗೆ ಸಾಸೇಜ್‌ನ ಬೆನ್ನು ಸುಟ್ಟರೂ ಒಳಗೆ ಹಸಿಯೇ ಉಳಿಯಬಹುದು. ನಡುವಿನ ಅಥವಾ ಅದರ ಕೆಳಗಿನ ಹಂತದಲ್ಲಿ ತಟ್ಟೆ ಇಡಿ, 190 ಡಿಗ್ರಿ ಸಾಕು. ತೆಳ್ಳಗಿನದಕ್ಕೆ 15ರಿಂದ 20 ನಿಮಿಷ, ದಪ್ಪದಕ್ಕೆ 25ರವರೆಗೆ, ನಡುವೆ ಒಮ್ಮೆ ತಿರುವಿ. ಥರ್ಮೋಸ್ಟಾಟ್ ಸಲಾಕೆಗಳನ್ನು ಹಚ್ಚುತ್ತಾ ಆರಿಸುತ್ತಾ ಇರುತ್ತದೆ. ಒಳಗಿನ ಬಿಸಿ ನೀವು ತಿರುವಿಟ್ಟ ಸಂಖ್ಯೆಯ ಮೇಲೆ ಕೆಳಗೆ ಓಲಾಡುತ್ತದೆ. ಹಾಗಾಗಿ ಗಡಿಯಾರವನ್ನು ಪೂರ್ತಿ ನಂಬುವಂತಿಲ್ಲ.

ನಂಬಬೇಕಾದದ್ದು ಥರ್ಮಾಮೀಟರ್ ಅನ್ನು. ಚುಚ್ಚುವ ಕಡ್ಡಿ ಇರುವ ಅಡುಗೆಯ ಥರ್ಮಾಮೀಟರ್ ಒಂದು ಮನೆಯಲ್ಲಿ ಇರಲೇಬೇಕು. ಸಾಸೇಜ್‌ನ ತುದಿಯಿಂದ ನಡುವಿನವರೆಗೆ ಉದ್ದಕ್ಕೆ ತೂರಿಸಿ ನೋಡಿ. ಪೋರ್ಕ್‌ಗೆ 71 ಡಿಗ್ರಿ, ಚಿಕನ್‌ಗೆ 74. ಇಡೀ ಮಾಂಸದ ತುಂಡಿನಲ್ಲಿ ಬ್ಯಾಕ್ಟೀರಿಯಾ ಹೆಚ್ಚಾಗಿ ಹೊರಮೈಯಲ್ಲೇ ಇರುತ್ತವೆ. ಕೊಚ್ಚಿದಾಗ ಅವು ನಡುವಿನವರೆಗೂ ಸೇರುತ್ತವೆ, ಅದಕ್ಕೇ ನಡುಭಾಗದ ಬಿಸಿ ಮುಖ್ಯ. ಬಣ್ಣ ನೋಡಿ ತೀರ್ಮಾನ ಮಾಡಬೇಡಿ. ಕೆಡದಿರಲೆಂದು ನೈಟ್ರೈಟ್ ಎಂಬ ಲವಣ ಹಾಕಿದ ಸಾಸೇಜ್ ಪೂರ್ತಿ ಬೆಂದ ಮೇಲೂ ಗುಲಾಬಿಯಾಗಿಯೇ ಇರುತ್ತದೆ, ಕೆಲವು ಮಾಂಸ ಬೇಯುವ ಮೊದಲೇ ಕಂದಾಗುತ್ತದೆ. ಪ್ಯಾಕೆಟ್‌ನಲ್ಲಿ ಮೊದಲೇ ಬೇಯಿಸಿದ್ದು ಎಂದು ಬರೆದಿದ್ದರೆ ಬರೀ ಬಿಸಿ ಮಾಡುವ ಕೆಲಸ. ಗೋವಾ ಸಾಸೇಜ್ ಆ ಪೈಕಿ ಅಲ್ಲ. ಉಪ್ಪು, ವಿನೆಗರ್, ಮೆಣಸು ಹಾಕಿ ಒಣಗಿಸಿದ್ದಾದರೂ ಅದು ಹಸಿ ಮಾಂಸವೇ. ಅದರ ಜಾಗ ಓವನ್ ಅಲ್ಲ, ಈರುಳ್ಳಿ ಮತ್ತು ಸ್ವಲ್ಪ ನೀರು ಹಾಕಿದ ಪಾತ್ರೆ.

ದಿನಾ ತಿನ್ನುವ ಪದಾರ್ಥ ಇದಲ್ಲ ಎಂಬುದನ್ನೂ ಹೇಳಲೇಬೇಕು. ಸಂಸ್ಕರಿಸಿದ ಮಾಂಸವನ್ನು ದಿನಕ್ಕೆ 50 ಗ್ರಾಂ ತಿಂದರೆ ದೊಡ್ಡ ಕರುಳಿನ ಕ್ಯಾನ್ಸರ್ ಅಪಾಯ ಸುಮಾರು ಶೇಕಡಾ 18 ಹೆಚ್ಚುತ್ತದೆ ಎಂದು ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ವಿಭಾಗ 2015ರಲ್ಲಿ ತಿಳಿಸಿದೆ. ನೈಟ್ರೈಟ್ ಹಾಕಿದ, ಹೊಗೆ ಹಾಕಿದ ಸಾಸೇಜ್‌ಗಳು ಈ ಗುಂಪಿನವು.

ಬೆಂದ ಮೇಲೆ ಮೂರು ನಾಲ್ಕು ನಿಮಿಷ ಹಾಗೇ ಬಿಡಿ. ಹೊರಗಿನ ಬಿಸಿ ಒಳಗೆ ಹರಡುತ್ತದೆ, ರಸ ಸ್ವಲ್ಪ ಗಟ್ಟಿಯಾಗುತ್ತದೆ, ಕತ್ತರಿಸಿದಾಗ ಚಿಮ್ಮುವುದಿಲ್ಲ. ಮಿಕ್ಕಿದ್ದನ್ನು ಮೇಜಿನ ಮೇಲೆ ಬಿಡಬೇಡಿ. ಸಾಮಾನ್ಯವಾಗಿ ಎರಡು ಗಂಟೆಯೊಳಗೆ ಫ್ರಿಡ್ಜ್‌ಗೆ ಸೇರಿಸಬೇಕು. ಆದರೆ ಹವೆ 32 ಡಿಗ್ರಿ ದಾಟಿದರೆ ಒಂದೇ ಗಂಟೆ. ಮಾರ್ಚ್‌ನಿಂದ ಮೇವರೆಗೆ ಮಂಗಳೂರಿನಲ್ಲಿ ಈ ಒಂದು ಗಂಟೆಯ ಲೆಕ್ಕವನ್ನೇ ಇಟ್ಟುಕೊಳ್ಳಿ. ಮತ್ತೆ ಬಿಸಿ ಮಾಡುವಾಗ ಪೋರ್ಕ್ ಇರಲಿ, ಚಿಕನ್ ಇರಲಿ, ನಡುಭಾಗ 74 ಮುಟ್ಟಬೇಕು.