ರಾತ್ರಿಯಿಡೀ ಮಸಾಲೆಯಲ್ಲಿಟ್ಟರೂ ಮಟನ್ ಚಾಪ್ಸ್ ಯಾಕೆ ಮೆತ್ತಗಾಗಲ್ಲ?

ಪ್ರಶ್ನೆ: ನಾನು ಕಲಬುರಗಿಯವಳು. ಮಟನ್ ಚಾಪ್ಸ್ ತಂದು ಮೊಸರು, ಲಿಂಬೆ ರಸ, ಹಸಿ ಪಪ್ಪಾಯಿ, ಮಸಾಲೆ ಎಲ್ಲ ಹಚ್ಚಿ ರಾತ್ರಿಯಿಡೀ ಇಡುತ್ತೇನೆ. ಮರುದಿನ ಹಂಚಿನ ಮೇಲೆ ಹಾಕಿದರೆ ಮೇಲೆ ಮಸಾಲೆ ಸೀದು ಹೋಗುತ್ತದೆ, ಒಳಗೆ ಖಂಡ ಅಗಿಯೋಕೇ ಆಗಲ್ಲ. ಹೋಟೆಲಿನಲ್ಲಿ ಅಷ್ಟು ಮೆತ್ತಗಿರುತ್ತದೆ. ಇನ್ನೂ ಎಷ್ಟು ಹೊತ್ತು ನೆನೆಸಬೇಕು?

ಉತ್ತರ: ಇನ್ನೂ ಹೊತ್ತು ನೆನೆಸಬೇಡಿ. ಈಗ ನೆನೆಸುತ್ತಿರುವುದೇ ಜಾಸ್ತಿ. ನಿಮ್ಮ ಮಸಾಲೆಯಲ್ಲಿ ದೊಡ್ಡ ತಪ್ಪೇನಿಲ್ಲ. ಆದರೆ ಗಟ್ಟಿ ಮಾಂಸವನ್ನು ಒಳಗಿನವರೆಗೂ ಮೆತ್ತಗೆ ಮಾಡುವ ಶಕ್ತಿ ಯಾವ ಮಸಾಲೆಗೂ ಇಲ್ಲ. ಅದು ಉರಿಯ ಕೆಲಸ. ಸಣ್ಣ ಉರಿ, ಸಾಕಷ್ಟು ಸಮಯ ಬೇಕು. ಹಂಚು ಬರಬೇಕಾದ್ದು ಕೊನೆಗೆ.

ಮೊಬೈಲಿನಲ್ಲಿ ನಾವು ನೋಡುವ ಲ್ಯಾಂಬ್ ಚಾಪ್ಸ್ ವಿಡಿಯೊಗಳಲ್ಲಿ ಬಹಳಷ್ಟು ಹೊರದೇಶದವು. ಅಲ್ಲಿ ಬಳಸುವುದು ಸಾಮಾನ್ಯವಾಗಿ ಒಂದು ವರ್ಷದೊಳಗಿನ ಕುರಿಮರಿ. ಬೆನ್ನೆಲುಬಿನ ಪಕ್ಕದ ಖಂಡವನ್ನು ಪಕ್ಕೆಲುಬಿನ ಸಮೇತ ಎರಡು, ಎರಡೂವರೆ ಸೆಂಟಿಮೀಟರ್ ದಪ್ಪಕ್ಕೆ ಕತ್ತರಿಸಿರುತ್ತಾರೆ. ಪ್ರಾಣಿ ನಡೆಯುವಾಗ, ಓಡುವಾಗ ಕಾಲಿನಷ್ಟು ದುಡಿಯದ ಭಾಗ ಇದು. ಅದಕ್ಕೇ ಎಳೆಯದಾಗಿರುತ್ತದೆ. ಬಿಸಿ ಹಂಚಿನ ಮೇಲೆ ಒಂದೊಂದು ಮಗ್ಗುಲು ಮೂರು ನಾಲ್ಕು ನಿಮಿಷ ಇಟ್ಟರೆ ಸಾಕು, ತಿನ್ನಲು ತಯಾರು.

ನಮ್ಮ ಕಡೆಯ ಮಟನ್ ಅಂಗಡಿಯಲ್ಲಿ ‘ಚಾಂಪ್ ಕೊಡ್ರಿ’ ಅಂದರೆ ಭಾಗವೇನೋ ಅದೇ. ಆದರೆ ಪ್ರಾಣಿ ಬೇರೆ. ಕುರಿ ಇರಬಹುದು, ಆಡು ಇರಬಹುದು. ವರ್ಷ ದಾಟಿರುವ ಸಾಧ್ಯತೆಯೂ ಇದೆ. ಹೊಲ, ಗುಡ್ಡ, ಕೆರೆಯಂಗಳ ಎಂದು ದಿನವಿಡೀ ಅಲೆದು ಮೇಯ್ದ ಪ್ರಾಣಿ ಅದು. ಹಾಗೆ ಮೇಯ್ದ ಮಾಂಸದ ರುಚಿಯೇ ಬೇರೆ, ಅದನ್ನು ನಾನು ಯಾವ ಹೊರದೇಶದ ಮರಿಗೂ ಬಿಟ್ಟುಕೊಡುವುದಿಲ್ಲ. ಆದರೆ ಪ್ರಾಣಿಗೆ ವಯಸ್ಸಾದಂತೆ ಮಾಂಸದೊಳಗಿನ ಕೊಲಾಜನ್ ಗಟ್ಟಿಯಾಗುತ್ತಾ ಹೋಗುತ್ತದೆ. ಮಾಂಸದ ಎಳೆಗಳನ್ನು ಒಂದಕ್ಕೊಂದು ಹಿಡಿದಿಡುವ ಬಿಳಿ ಪೊರೆಯಂಥದ್ದು ಅದು. ಆಡಿನಲ್ಲಿ ಕೊಬ್ಬೂ ಕಡಿಮೆ, ಹಾಗಾಗಿ ಬೇಗ ಒಣಗುತ್ತದೆ. ಜೊತೆಗೆ ನಮ್ಮಲ್ಲಿ ಚಾಂಪನ್ನು ತೆಳ್ಳಗೆ ಕಡಿದು ಕೊಡುವುದೇ ಹೆಚ್ಚು. ತೆಳುವಾದ, ಬಲಿತ, ಕೊಬ್ಬಿಲ್ಲದ ತುಂಡನ್ನು ಜೋರು ಉರಿಯ ಹಂಚಿಗೆ ಹಾಕಿದರೆ ಏನಾಗುತ್ತದೆ? ಸುಮಾರು 60 ಡಿಗ್ರಿ ಸೆಲ್ಸಿಯಸ್ ದಾಟುತ್ತಿದ್ದಂತೆ ಮಾಂಸದ ಎಳೆಗಳು ಕುಗ್ಗಿ ಒಳಗಿನ ರಸವನ್ನು ಹೊರಗೆ ಹಿಂಡುತ್ತವೆ. ಕೊಲಾಜನ್ ಕರಗೋಕೆ ಬೇಕಾದಷ್ಟು ಹೊತ್ತು ಮಾತ್ರ ಸಿಗುವುದಿಲ್ಲ. ರಸವೂ ಹೋಯಿತು, ನಾರೂ ಹಾಗೇ ಉಳಿಯಿತು. ನಿಮ್ಮ ಹಂಚಿನ ಮೇಲೆ ಆಗುತ್ತಿರುವುದು ಇದೇ.

ಅದೇ ತುಂಡನ್ನು ಮುಚ್ಚಿದ ಪಾತ್ರೆಯಲ್ಲಿ ಸಣ್ಣ ಉರಿಯಲ್ಲಿ ಮುಕ್ಕಾಲು ಗಂಟೆ ಇಟ್ಟರೆ ಕೊಲಾಜನ್ ನಿಧಾನಕ್ಕೆ ಕರಗಿ ಜಿಲಾಟಿನ್ ಆಗುತ್ತದೆ. ಆಗ ಎಳೆಗಳು ಬಿಡಿಬಿಡಿಯಾಗುತ್ತವೆ, ಬಾಯಿಗೆ ರಸರಸವಾಗಿ ಸಿಗುತ್ತದೆ. ಹೋಟೆಲಿನ ಗುಟ್ಟು ಕೂಡ ಹೆಚ್ಚಿನ ಕಡೆ ಇದೇ. ಚಾಂಪನ್ನು ಮಸಾಲೆಯಲ್ಲಿ ಮೊದಲೇ ಬೇಯಿಸಿ ಇಟ್ಟಿರುತ್ತಾರೆ. ನೀವು ಆರ್ಡರ್ ಕೊಟ್ಟ ಮೇಲೆ ಹಂಚಿನ ಮೇಲೋ ತಂದೂರಿನಲ್ಲೋ ಬಣ್ಣ ಬರಿಸಿ ತಟ್ಟೆಗೆ ಹಾಕುತ್ತಾರೆ. ನಮಗೆ ಕಾಣಿಸುವುದು ಕೊನೆಯ ಐದು ನಿಮಿಷ ಮಾತ್ರ.

ಹಾಗಾದರೆ ಪಪ್ಪಾಯಿ ಏನೂ ಮಾಡುವುದಿಲ್ಲವೇ ಅಂತ ಕೇಳಬಹುದು. ಮಾಡುತ್ತದೆ, ಆದರೆ ಎಲ್ಲಿ ಮಾಡುತ್ತದೆ ಅನ್ನೋದು ಮುಖ್ಯ. ಹಸಿ ಪಪ್ಪಾಯಿಯ ಹಾಲಿನಲ್ಲಿ ಪಪೈನ್ ಎಂಬ ಕಿಣ್ವ ಇದೆ. ಅದು ಪ್ರೋಟೀನನ್ನು ತುಂಡರಿಸುತ್ತದೆ. ಆದರೆ ಅದು ಮಾಂಸದ ಒಳಕ್ಕೆ ಹೆಚ್ಚು ಇಳಿಯುವುದಿಲ್ಲ, ಮುಟ್ಟಿದ ಮೇಲ್ಪದರವನ್ನೇ ತಿನ್ನುತ್ತಾ ಕೂರುತ್ತದೆ. ಫ್ರಿಜ್ಜಿನ ತಣ್ಣನೆಯಲ್ಲಿ ಅದರ ಕೆಲಸ ನಿಧಾನ. ಬಿಸಿ ಏರಿ 60–70 ಡಿಗ್ರಿ ಹತ್ತಿರ ಬಂದಾಗ ಒಮ್ಮೆಗೇ ಚುರುಕಾಗುತ್ತದೆ, ಇನ್ನೂ ಬಿಸಿಯಾದರೆ ಸುಮ್ಮನಾಗುತ್ತದೆ. ರಾತ್ರಿಯಿಡೀ ಜಾಸ್ತಿ ಪಪ್ಪಾಯಿ ಹಚ್ಚಿಟ್ಟರೆ ಮೇಲೆ ಹಿಟ್ಟುಹಿಟ್ಟಾಗುತ್ತದೆ, ನಡುವೆ ಮೊದಲಿನಷ್ಟೇ ಗಟ್ಟಿ. ಒಂದು ಕಿಲೋ ಮಾಂಸಕ್ಕೆ ಒಂದು ದೊಡ್ಡ ಚಮಚ ಅರೆದ ಹಸಿ ಪಪ್ಪಾಯಿ, ಅದೂ ಅಡುಗೆಗೆ ಒಂದೆರಡು ಗಂಟೆ ಮುಂಚೆ. ಅಷ್ಟು ಸಾಕು. ಹಣ್ಣಾದ ಪಪ್ಪಾಯಿ ಹಾಕಿ ಪ್ರಯೋಜನವಿಲ್ಲ, ಅದರಲ್ಲಿ ಈ ಕಿಣ್ವ ತೀರಾ ಕಡಿಮೆ. ಹಸಿ ಶುಂಠಿಯಲ್ಲೂ ಇಂಥದ್ದೇ ಒಂದು ಕಿಣ್ವ ಇದೆ. ಮಾಂಸ ಎಳೆಯದಾಗಿದ್ದರೆ ಶುಂಠಿಯೊಂದೇ ಸಾಕು, ಪಪ್ಪಾಯಿ ಬಿಟ್ಟೇಬಿಡಿ.

ಲಿಂಬೆ ರಸದ ವಿಷಯದಲ್ಲಿ ನಾನು ಸ್ವಲ್ಪ ಕಟ್ಟುನಿಟ್ಟು. ನೆನೆಸುವಾಗ ಹಾಕಲೇಬೇಡಿ. ಅಷ್ಟು ಹುಳಿಯಲ್ಲಿ ರಾತ್ರಿಯಿಡೀ ಇದ್ದ ಮಾಂಸದ ಮೇಲ್ಭಾಗ ಬೆಳ್ಳಗಾಗಿ, ಬೆಂದ ಮೇಲೆ ಒಣಒಣ, ಪುಡಿಪುಡಿ ಅನಿಸುತ್ತದೆ. ಮೊಸರಿನ ಹುಳಿ ಹಾಗಲ್ಲ, ಅದು ಮೆದು. ಮೊಸರು ಮಸಾಲೆಯನ್ನು ಮಾಂಸಕ್ಕೆ ಅಂಟಿಸುತ್ತದೆ, ಹಂಚಿನ ಮೇಲೆ ಒಳ್ಳೆಯ ಬಣ್ಣವೂ ಅದರಿಂದಲೇ ಬರುತ್ತದೆ. ಬಟ್ಟೆಯಲ್ಲಿ ಕಟ್ಟಿ ನೀರು ಬಸಿದ ಮೊಸರಾದರೆ ಇನ್ನೂ ಒಳ್ಳೆಯದು. ಲಿಂಬೆಯನ್ನು ತಟ್ಟೆಗೆ ಹಾಕಿದ ಮೇಲೆ ಹಿಂಡಿ.

ನಿಜವಾಗಿ ಒಳಗೆ ಇಳಿಯುವುದು ಉಪ್ಪು. ಖಾರ, ಅರಿಶಿಣ, ಗರಂ ಮಸಾಲೆ ಎಲ್ಲ ಹೆಚ್ಚುಕಡಿಮೆ ಮೇಲಿನ ಕೆಲವು ಮಿಲಿಮೀಟರಿನಲ್ಲೇ ನಿಲ್ಲುತ್ತವೆ. ಉಪ್ಪು ಮಾತ್ರ ನಿಧಾನವಾಗಿ ನಡುವಿನವರೆಗೂ ಹೋಗುತ್ತದೆ. ಮಾಂಸ ತನ್ನ ನೀರನ್ನು ಹಿಡಿದಿಟ್ಟುಕೊಳ್ಳಲು ನೆರವಾಗುತ್ತದೆ. ಹಾಗಾಗಿ ನೀವು ರಾತ್ರಿಯೇ ಏನಾದರೂ ಹಚ್ಚಬೇಕು ಅಂದರೆ ಉಪ್ಪು ಹಚ್ಚಿ. ಎಲುಬು ಸೇರಿ ಒಂದು ಕಿಲೋಗೆ ಎರಡು ಟೀ ಚಮಚ ಪುಡಿ ಉಪ್ಪು, ಅಂದರೆ ಸುಮಾರು 12 ಗ್ರಾಂ. ಬೆಳಿಗ್ಗೆ ಉಳಿದ ಮಸಾಲೆ ಹಚ್ಚಿದರಾಯಿತು.

ಇನ್ನೊಂದು ವಿಷಯ ಇದೆ. ನನ್ನ ಪ್ರಕಾರ ಅರ್ಧದಷ್ಟು ಮನೆಗಳ ತೊಂದರೆ ಇಲ್ಲೇ ಶುರುವಾಗುವುದು. ನಾವು ಭಾನುವಾರ ಬೆಳಿಗ್ಗೆ ಅಂಗಡಿಗೆ ಹೋಗುತ್ತೇವೆ. ಆಗಷ್ಟೇ ಕಡಿದ ಮಾಂಸ ಕೈಗೆ ಬೆಚ್ಚಗೆ ಹತ್ತುತ್ತದೆ. ತಾಜಾ ಅಂತ ಖುಷಿ ಪಡುತ್ತೇವೆ. ತಾಜಾ ಹೌದು. ಆದರೆ ಪ್ರಾಣಿ ಸತ್ತ ಕೆಲವು ಗಂಟೆಗಳಲ್ಲಿ ಸ್ನಾಯುಗಳಲ್ಲಿದ್ದ ಶಕ್ತಿ ತೀರಿ ಅವು ಬಿಗಿದುಕೊಳ್ಳುತ್ತವೆ. ಮಾಂಸ ಸೆಡೆತುಕೊಳ್ಳುತ್ತದೆ. ಆ ಬಿಗಿತದ ನಡುವೆ ಬೇಯಿಸಿದರೆ ಅದು ಅತ್ಯಂತ ಗಟ್ಟಿ. ಒಂದು ದಿನ ಬಿಟ್ಟರೆ ಮಾಂಸದೊಳಗಿನ ಕಿಣ್ವಗಳೇ ಆ ಬಿಗಿತವನ್ನು ಸಡಿಲಿಸುತ್ತಾ ಬರುತ್ತವೆ. ಅದಕ್ಕೆ ನೀವು ಏನೂ ಹಚ್ಚಬೇಕಿಲ್ಲ. ಹಾಗಾಗಿ ಭಾನುವಾರ ಚಾಪ್ಸ್ ತಿನ್ನಬೇಕು ಅಂತಿದ್ದರೆ ಶನಿವಾರವೇ ತನ್ನಿ. ತಂದ ಕೂಡಲೇ ಫ್ರೀಜರಿಗೆ ಮಾತ್ರ ತಳ್ಳಬೇಡಿ. ಬಿಗಿಯುವ ಮೊದಲೇ ಗಡ್ಡೆಕಟ್ಟಿದ ಮಾಂಸ ಕರಗುವಾಗ ಜೋರಾಗಿ ಕುಗ್ಗಿ ಇನ್ನೂ ಗಟ್ಟಿಯಾಗುತ್ತದೆ. ಉಪ್ಪು ಹಚ್ಚಿ, ಮುಚ್ಚಿ, ಫ್ರಿಜ್ಜಿನ ಕೆಳಗಿನ ಹಲಗೆಯಲ್ಲಿ ಇಡಿ.

ಫ್ರಿಜ್ಜಿನಲ್ಲೇ ಇಡಬೇಕು ಅನ್ನೋದನ್ನು ಒತ್ತಿ ಹೇಳಬೇಕು. ಕಲಬುರಗಿಯ ಬೇಸಿಗೆ ನಿಮಗೆ ಗೊತ್ತೇ ಇದೆ, ಏಪ್ರಿಲ್ ಮೇ ಅಂದರೆ 40 ಡಿಗ್ರಿ ಮೇಲೆ. ಹಸಿ ಮಾಂಸದಲ್ಲಿ ರೋಗಾಣುಗಳು 5ರಿಂದ 60 ಡಿಗ್ರಿ ನಡುವೆ ಬೇಗ ಬೆಳೆಯುತ್ತವೆ. ಸಾಮಾನ್ಯ ಹವೆಯಲ್ಲಿ ಎರಡು ಗಂಟೆಗಿಂತ, 32 ಡಿಗ್ರಿ ದಾಟಿದ ದಿನ ಒಂದು ಗಂಟೆಗಿಂತ ಹೆಚ್ಚು ಹೊತ್ತು ಹೊರಗೆ ಇಡಬಾರದು. ನಮ್ಮೂರಲ್ಲಿ ವರ್ಷದ ಬಹಳಷ್ಟು ದಿನ ಆ ಒಂದು ಗಂಟೆಯ ಲೆಕ್ಕವೇ. ಮೊಸರು, ಉಪ್ಪು ಹಾಕಿದೆ, ಏನೂ ಆಗಲ್ಲ ಅಂತ ಅಡುಗೆಮನೆ ಕಟ್ಟೆಯ ಮೇಲೆ ಬಿಟ್ಟು ಮಲಗಬೇಡಿ. ಪಾತ್ರೆ ಸ್ಟೀಲಿನದೋ ಗಾಜಿನದೋ ಇರಲಿ, ಅಲ್ಯುಮಿನಿಯಂ ಬೇಡ, ಮೊಸರಿನ ಹುಳಿ ಅದಕ್ಕೆ ಆಗಿಬರುವುದಿಲ್ಲ.

ಕೊಳ್ಳುವಾಗ ವಯಸ್ಸು ಕಂಡುಹಿಡಿಯುವುದು ಹೇಗೆ? ಸಂತೆಯಲ್ಲಾದರೆ ಹಲ್ಲು ನೋಡುತ್ತಾರೆ. ಹಾಲುಹಲ್ಲಿನ ಮರಿ ಅಂದರೆ ಹೆಚ್ಚುಕಡಿಮೆ ವರ್ಷದೊಳಗಿನದು, ಹಾಲುಹಲ್ಲು ಬಿದ್ದು ಎರಡು ದೊಡ್ಡ ಹಲ್ಲು ಬಂದಿದೆ ಅಂದರೆ ವರ್ಷ ದಾಟಿದೆ. ಅಂಗಡಿಯಲ್ಲಿ ಹಲ್ಲು ಸಿಗಲ್ಲ, ಖಂಡವನ್ನೇ ನೋಡಬೇಕು. ಎಳೆಯದು ತಿಳಿಗೆಂಪು, ಪಕ್ಕೆಲುಬು ಸಣ್ಣಗೆ, ಕಡಿದ ಎಲುಬಿನ ತುದಿ ಕೆಂಪಗೆ ಇರುತ್ತದೆ. ಬಲಿತದ್ದರ ಬಣ್ಣ ಗಾಢ, ಎಲುಬು ಅಗಲ, ತುದಿ ಬಿಳಿ. ಅಂಗಡಿಯವರಿಗೆ ‘ಅಣ್ಣಾ, ಸಣ್ಣ ಮರೀದು ಕೊಡ್ರಿ, ಚಾಂಪ್ ಒಂದು ಬೆರಳು ದಪ್ಪ ಇರಲಿ’ ಅಂತ ಬಾಯಿಬಿಟ್ಟು ಹೇಳಿ. ಹೇಳಿದರೆ ಕೊಡುತ್ತಾರೆ. ಸೀನಾ (ಎದೆಯ ಭಾಗ), ದಸ್ತಿ (ಮುಂಗಾಲಿನ ಭಾಗ) ಬೆರೆಸಬೇಡಿ ಅನ್ನುವುದನ್ನೂ ಹೇಳಿ, ಅವು ಬೇಯುವ ಹೊತ್ತು ಬೇರೆ.

ಈಗ ಅಡುಗೆ. ಒಂದು ಕಿಲೋ ಚಾಂಪ್, ಉಪ್ಪು ಹಿಂದಿನ ದಿನವೇ ಹಚ್ಚಿದ್ದು. ಅದಕ್ಕೆ ನೀರು ಬಸಿದ ಮೊಸರು ಮುಕ್ಕಾಲು ಬಟ್ಟಲು, ಹಸಿ ಶುಂಠಿ–ಬೆಳ್ಳುಳ್ಳಿ ಅರೆದದ್ದು ಎರಡು ದೊಡ್ಡ ಚಮಚ, ಅರಿಶಿಣ ಅರ್ಧ ಚಮಚ, ಕೆಂಪು ಖಾರ ನಿಮ್ಮ ಮನೆಯ ರೂಢಿಯಷ್ಟು, ಹುರಿದು ಕುಟ್ಟಿದ ಧನಿಯಾ, ಕರಿಮೆಣಸು, ಎರಡು ಲವಂಗ, ಒಂದು ತುಂಡು ದಾಲ್ಚಿನ್ನಿ. ಕಲ್ಲುಹೂ ಇದ್ದರೆ ಒಂದು ಚಿಟಿಕೆ ಹುರಿದು ಪುಡಿ ಮಾಡಿ ಹಾಕಿ. ಮಟನ್ ಮಸಾಲೆಗೆ ಆ ಕಾಡಿನ ಘಮ ಬೇಕೇ ಬೇಕು ಅನ್ನುವವಳು ನಾನು. ಎರಡು ಚಮಚ ಎಣ್ಣೆ ಹಾಕಿ ಎಲ್ಲ ಕಲಸಿ, ಎರಡರಿಂದ ನಾಲ್ಕು ಗಂಟೆ ಫ್ರಿಜ್ಜಿನಲ್ಲಿ ಇಡಿ. ಪಪ್ಪಾಯಿ ಬೇಕಿದ್ದರೆ ಇದರ ಕೊನೆಯ ಒಂದೆರಡು ಗಂಟೆಗೆ ಮಾತ್ರ.

ದಪ್ಪ ತಳದ ಅಗಲ ಪಾತ್ರೆಯಲ್ಲಿ ಸ್ವಲ್ಪ ಎಣ್ಣೆ ಬಿಸಿ ಮಾಡಿ ಚಾಂಪನ್ನು ಮಸಾಲೆ ಸಮೇತ ಹರಡಿ. ಮಧ್ಯಮ ಉರಿಯಲ್ಲಿ ಐದಾರು ನಿಮಿಷ ತಿರುವಿ. ಮಾಂಸ ತಾನೇ ನೀರು ಬಿಡುತ್ತದೆ. ಆಮೇಲೆ ಮುಚ್ಚಳ ಹಾಕಿ, ಉರಿ ಪೂರ್ತಿ ಸಣ್ಣ ಮಾಡಿ. ಮರಿಯದಾದರೆ 30–35 ನಿಮಿಷ, ಬಲಿತದ್ದಾದರೆ 50 ನಿಮಿಷ ಅಥವಾ ಸ್ವಲ್ಪ ಹೆಚ್ಚು. ಆಗಾಗ ನೋಡುತ್ತಿರಿ, ತಳ ಹಿಡಿಯುವಂತಿದ್ದರೆ ಅರ್ಧ ಲೋಟ ಬಿಸಿನೀರು. ಗಳಗಳ ಕುದಿಸಬೇಡಿ. ಹೊತ್ತಿಲ್ಲದವರು ಕುಕ್ಕರಿನಲ್ಲಿ ಒಂದು ಸೀಟಿ ಕೂಗಿಸಿ, ಉರಿ ಸಣ್ಣ ಮಾಡಿ ಎಂಟು ಹತ್ತು ನಿಮಿಷ ಇಟ್ಟು, ಪ್ರೆಶರ್ ತಾನಾಗಿ ಇಳಿಯಲು ಬಿಡಿ. ಚಾಕುವಿನ ತುದಿ ಸಲೀಸಾಗಿ ಇಳಿಯಬೇಕು, ಆದರೆ ಖಂಡ ಎಲುಬು ಬಿಟ್ಟು ಬರಬಾರದು. ಅಲ್ಲಿಗೆ ನಿಲ್ಲಿಸಿ. ಉಳಿದ ನೀರು ಇಂಗಿ ಎಣ್ಣೆ ಬಿಡುವವರೆಗೂ ಮುಚ್ಚಳ ತೆಗೆದು ಇಡಿ.

ಈಗ ಹಂಚಿನ ಸರದಿ. ಕಬ್ಬಿಣದ ಹಂಚನ್ನು ಚೆನ್ನಾಗಿ ಕಾಯಿಸಿ. ಚಾಂಪಿಗೆ ಅಂಟಿದ ಗಟ್ಟಿ ಮಸಾಲೆಯನ್ನು ಚಮಚದಿಂದ ಸ್ವಲ್ಪ ಬಳಿದು ತೆಗೆಯಿರಿ, ಸೀಯುವುದು ಅದೇ. ಮೇಲೆ ನೀರು ಇದ್ದರೆ ಕೆಂಪು ಬಣ್ಣ ಬರುವುದಿಲ್ಲ. ಯಾಕೆಂದರೆ ನೀರು ಆರುವವರೆಗೆ ಅಲ್ಲಿನ ಬಿಸಿ 100 ಡಿಗ್ರಿ ದಾಟದು, ಬಣ್ಣ ಕಟ್ಟಲು 140ರ ಹತ್ತಿರ ಬೇಕು. ಒಂದು ಸಲಕ್ಕೆ ನಾಲ್ಕೈದೇ ಹಾಕಿ. ಒಂದೊಂದು ಮಗ್ಗುಲು ಒಂದೂವರೆ ನಿಮಿಷ, ಅಷ್ಟೇ. ಮಾಂಸ ಮೊದಲೇ ಬೆಂದಿದೆ ಅಲ್ವಾ, ಇಲ್ಲಿ ಬಣ್ಣವೊಂದೇ ಬೇಕು. ಕೊಬ್ಬಿನ ಅಂಚಿದ್ದರೆ ಇಕ್ಕಳದಲ್ಲಿ ಹಿಡಿದು ಆ ಅಂಚನ್ನೂ ಹಂಚಿಗೆ ಒತ್ತಿ.

ಅಪರೂಪಕ್ಕೆ ನಿಮಗೆ ನಿಜವಾದ ಎಳೆ ಮರಿಯ ದಪ್ಪ ಚಾಪ್ಸ್ ಸಿಕ್ಕರೆ, ಅಥವಾ ಫ್ರೋಜನ್ ಲ್ಯಾಂಬ್ ಪ್ಯಾಕೆಟ್ ತಂದರೆ ಈ ಮೊದಲ ಹಂತ ಬೇಡ. ಫ್ರಿಜ್ಜಿನಲ್ಲೇ ಕರಗಿಸಿ, ಪಪ್ಪಾಯಿ ಇಲ್ಲದ ಇದೇ ಮಸಾಲೆಯಲ್ಲಿ ನಾಲ್ಕೈದು ಗಂಟೆ ಇಟ್ಟು, ನೇರವಾಗಿ ಹಂಚಿಗೆ ಹಾಕಿ. ಎಲುಬಿಗೆ ತಾಗದಂತೆ ನಡುವೆ ಥರ್ಮಾಮೀಟರ್ ಚುಚ್ಚಿದರೆ 63 ಡಿಗ್ರಿ ತೋರಿಸಬೇಕು. ಇಳಿಸಿ ಮೂರು ನಿಮಿಷ ಸುಮ್ನೆ ಬಿಡಬೇಕು. ನಡುವೆ ತುಸು ಗುಲಾಬಿ ಬಣ್ಣ ಕಂಡರೆ ನಮ್ಮ ಮನೆಗಳಲ್ಲಿ ಹಿರಿಯರು ತಟ್ಟೆ ಸರಿಸುತ್ತಾರೆ. ಅವರಿಗೆ 70 ಡಿಗ್ರಿವರೆಗೆ ಬೇಯಿಸಿ ಕೊಡಿ, ಎಳೆ ಮಾಂಸ ಅಷ್ಟಕ್ಕೆ ಕೆಡುವುದಿಲ್ಲ.

ಹಸಿ ಮಾಂಸ ನೆನೆಸಿದ ಮಸಾಲೆ ಪಾತ್ರೆಯಲ್ಲಿ ಉಳಿದಿದ್ದರೆ ಹಾಗೇ ಮೇಲೆ ಸವರಬೇಡಿ, ಚೆನ್ನಾಗಿ ಕುದಿಸಿ ಬಳಸಿ. ಬೇಯಿಸಿದ ಪಾತ್ರೆಯ ತಳದಲ್ಲಿ ಉಳಿದ ಮಸಾಲೆಗೆ ಒಂದು ಉಳ್ಳಾಗಡ್ಡಿ ಹುರಿದು ಸೇರಿಸಿ, ಒಂದು ಲೋಟ ಬಿಸಿನೀರು ಹಾಕಿ ಕುದಿಸಿ. ಜೋಳದ ರೊಟ್ಟಿ ಅದ್ದಿಕೊಂಡು ತಿನ್ನಲು ಚಾಪ್ಸಿಗಿಂತ ಮೊದಲು ಅದೇ ಖಾಲಿಯಾಗುತ್ತದೆ. ಚಾಪ್ಸ್ ಉಳಿದರೆ ಫ್ರಿಜ್ಜಿನಲ್ಲಿ ಎರಡು ಮೂರು ದಿನ ಇಡಬಹುದು. ಮತ್ತೆ ಬಿಸಿ ಮಾಡುವಾಗ ಎರಡು ಚಮಚ ನೀರು ಚಿಮುಕಿಸಿ, ಮುಚ್ಚಿ, ಸಣ್ಣ ಉರಿಯಲ್ಲಿ ಹಬೆಯಾಡುವಷ್ಟು ಬಿಸಿ ಮಾಡಿ.